ಅಬ್ರಹಾಮ ಯಾರಿಗೆ ಅಜ್ಜ?

ಪ್ರಾಚೀನ ಧರ್ಮಗಳ ಇತಿಹಾಸವನ್ನು ಪಾಠ ಮಾಡುವ ನನಗೆ ಪ್ರತಿವರ್ಷ ಒಂದು ತರಗತಿಯಲ್ಲಿ ಬೋರ್ಡಿನ ಮೇಲೆ ಒಂದು ಪದ ಬರೆದು, ತಕ್ಷಣ ಅಳಿಸುವ ಅಭ್ಯಾಸವಿದೆ. ಪದ ‘ಮತಾಂತರ’. ಬರೆದ ಕೂಡಲೇ ಕೆಲವರು ನೆಟ್ಟಗೆ ಕೂರುತ್ತಾರೆ, ಕೆಲವರು ಕಿಟಕಿಯ ಕಡೆ ನೋಡುತ್ತಾರೆ. ಇವತ್ತಿನ ಜಗಳವೆಲ್ಲ ಆ ನಾಲ್ಕು ಅಕ್ಷರಗಳ ಬೆನ್ನೇರಿ ಒಳಗೆ ಬಂದಿರುತ್ತದೆ. ಅಳಿಸುವುದಕ್ಕೆ ಅದೊಂದೇ ಕಾರಣವಲ್ಲ. ‘ಮತ’ ಎಂದರೆ ಅಭಿಪ್ರಾಯ, ಒಪ್ಪಿಕೊಂಡ ವಿಚಾರ. ಎರಡು ಸಾವಿರ ವರ್ಷ ಹಿಂದಿನ ಯೆಹೂದ್ಯರ ನಡುವೆ ಒಬ್ಬ ಹೊರಗಿನವನು ಬಂದು ಸೇರಿದಾಗ ಮೊದಲು ಬದಲಾಗುತ್ತಿದ್ದದ್ದು ಅವನ ಅಭಿಪ್ರಾಯವಲ್ಲ, ಅವನ ಅಜ್ಜಂದಿರು.

ಅವರ ಪದಗಳನ್ನೇ ನೋಡಿ. ಹೀಬ್ರೂವಿನ ‘ಗೇರ್’ ಎಂದರೆ ಮೂಲದಲ್ಲಿ ಬೇರೆ ಕಡೆಯಿಂದ ಬಂದು ನೆಲೆಸಿದವನು, ಸ್ವಂತ ನೆಲ ಇಲ್ಲದವನು. ಕನ್ನಡ ಬೈಬಲ್ಲಿನ ‘ಪರದೇಶಿ’. ಯೆಹೂದ್ಯ ಗ್ರಂಥಗಳು ಗ್ರೀಕಿಗೆ ಅನುವಾದವಾದಾಗ ಇದಕ್ಕೆ ‘ಪ್ರೊಸೆಲುತೊಸ್’ ಎಂದರು: ಬಂದು ಸೇರಿದವನು. ಎರಡೂ ಕಾಲಿಗೆ ಸಂಬಂಧಪಟ್ಟ ಪದಗಳು, ತಲೆಗಲ್ಲ. ಮೋವಾಬಿನ ಹೆಣ್ಣು ರೂತಳು ಗಂಡ ಸತ್ತಮೇಲೂ ಅತ್ತೆಯನ್ನು ಬಿಡದೆ ಹಿಂಬಾಲಿಸುವಾಗ ಹೇಳುವ ಮಾತಿನ ಕ್ರಮವೂ ಅದೇ. ‘ನಿನ್ನ ಜನರೇ ನನ್ನ ಜನರು’ ಮೊದಲು, ‘ನಿನ್ನ ದೇವರೇ ನನ್ನ ದೇವರು’ ಆಮೇಲೆ.

“ಸಾರ್, ಇದು ದತ್ತು ಹೋದ ಹಾಗಲ್ವಾ?” ಎಂದು ಹಿಂದೊಮ್ಮೆ ಒಬ್ಬ ಹುಡುಗ ಕೇಳಿದ. ದತ್ತು ಹೋದವನು ಹೊಸ ಮನೆಯ ಪಿತೃಗಳಿಗೆ ಪಿಂಡ ಇಡುತ್ತಾನೆ, ಹುಟ್ಟಿದ ಮನೆಯವರಿಗಲ್ಲ. ಬಹಳ ಮಟ್ಟಿಗೆ ಸರಿ ಎಂದೆ. ಬಂದು ಸೇರಿದವನು ಈಗಷ್ಟೇ ಹುಟ್ಟಿದ ಕೂಸಿನ ಹಾಗೆ ಎಂದು ಯೆಹೂದ್ಯ ಪಂಡಿತರ ಚರ್ಚೆಗಳ ಸಂಗ್ರಹವಾದ ತಾಲ್ಮುಡ್ ಕೂಡ ಹೇಳುತ್ತದೆ. ಆದರೆ ದತ್ತಕಕ್ಕೂ ಒಂದು ತೊಡಕಿರುತ್ತದಲ್ಲ: ಹೊಸ ಮನೆಯವರು ಆ ಮಗುವನ್ನು ಮನಸಾರೆ ಮನೆಯದೆಂದು ಎಣಿಸುತ್ತಾರೆಯೇ?

ಕ್ರಿ.ಶ. 200ರ ಹೊತ್ತಿಗೆ ಸಂಕಲನಗೊಂಡ, ಯೆಹೂದ್ಯರ ಧರ್ಮನಿಯಮಗಳ ಸಂಗ್ರಹವಾದ ಮಿಶ್ನಾದಲ್ಲಿ ಈ ತೊಡಕು ಎಷ್ಟು ನೇರವಾಗಿ ಬರುತ್ತದೆಂದರೆ, ಓದಿದಾಗಲೆಲ್ಲ ನನಗೆ ಮುಜುಗರವಾಗುತ್ತದೆ. ಬೆಳೆಯ ಪ್ರಥಮ ಫಲವನ್ನು ದೇವಾಲಯಕ್ಕೆ ತಂದವನು, ‘ನಮ್ಮ ಪಿತೃಗಳಿಗೆ ಕೊಡುತ್ತೇನೆಂದು ಯೆಹೋವನು ಪ್ರಮಾಣ ಮಾಡಿದ ದೇಶಕ್ಕೆ ಬಂದಿದ್ದೇನೆ’ ಎಂದು ಹೇಳಬೇಕು. ಬಂದು ಸೇರಿದವನು ಬುಟ್ಟಿ ತರಬಹುದು, ಆದರೆ ಮಾತು ಹೇಳಬಾರದು, ಏಕೆಂದರೆ ಅವನ ಪಿತೃಗಳಿಗೆ ದೇವರು ಏನೂ ಪ್ರಮಾಣ ಮಾಡಿಲ್ಲ. ಒಬ್ಬನೇ ಪ್ರಾರ್ಥಿಸುವಾಗ ‘ಇಸ್ರಾಯೇಲಿನ ಪಿತೃಗಳ ದೇವರೇ’ ಅನ್ನಬೇಕು. ಸಭಾಮಂದಿರದಲ್ಲಿ ನಾಲ್ಕು ಜನರ ಮಧ್ಯೆ ಇದ್ದಾಗ ‘ನಿಮ್ಮ ಪಿತೃಗಳ ದೇವರೇ’ ಅನ್ನಬೇಕು. ಪಕ್ಕದವರೆಲ್ಲ ‘ನಮ್ಮ’ ಎನ್ನುತ್ತಿರುವಾಗ ಇವನೊಬ್ಬ ‘ನಿಮ್ಮ’ ಎನ್ನುವ ಆ ಗಳಿಗೆಯನ್ನು ಊಹಿಸಿಕೊಳ್ಳಿ. ತಾಯಿ ಇಸ್ರಾಯೇಲಿನವಳಾಗಿದ್ದರೆ ಮಾತ್ರ ‘ನಮ್ಮ’ ಎನ್ನಬಹುದು.

ಈ ಸರ್ವನಾಮವನ್ನು ಹಿಡಿದುಕೊಂಡರೆ ಉಳಿದ ಕಥೆ ತಾನಾಗಿ ಬಿಚ್ಚಿಕೊಳ್ಳುತ್ತದೆ. ನಾನು ಸಾಮಾನ್ಯವಾಗಿ ಅದಿಯಾಬೆನೆಯಿಂದ ಶುರುಮಾಡುತ್ತೇನೆ.

ಅದಿಯಾಬೆನೆ ಎಂದರೆ ಈಗಿನ ಉತ್ತರ ಇರಾಕಿನ ಎರ್ಬಿಲ್ ಸುತ್ತಲಿನ ಸೀಮೆ, ಆಗ ಇರಾನಿನ ಪಾರ್ಥಿಯನ್ನರ ಅಧೀನದಲ್ಲಿದ್ದ ಸಣ್ಣ ರಾಜ್ಯ. ಕ್ರಿ.ಶ. ಒಂದನೇ ಶತಮಾನದ ಮೊದಲರ್ಧದಲ್ಲಿ ಅಲ್ಲಿಯ ರಾಜಕುಮಾರ ಇಜಾತೆಸ್‌ನನ್ನು ಅಣ್ಣಂದಿರ ಅಸೂಯೆಯಿಂದ ಕಾಪಾಡಲೆಂದು ತಂದೆ ದಕ್ಷಿಣದ ಖಾರಾಕ್ಸ್ ಪಟ್ಟಣದ ದೊರೆಯ ಬಳಿಗೆ ಕಳಿಸಿದ್ದ. ಅಲ್ಲಿ ಅನನೀಯ ಎಂಬ ಯೆಹೂದ್ಯ ವ್ಯಾಪಾರಿ ಅಂತಃಪುರಕ್ಕೆ ಹೋಗಿ ಬಂದು ಮಾಡುತ್ತಿದ್ದ. ಅವನು ರಾಣಿವಾಸದ ಹೆಂಗಸರಿಗೆ ತನ್ನ ದೇವರ ಆರಾಧನೆ ಕಲಿಸಿದ, ಅವರ ಮೂಲಕ ಇಜಾತೆಸ್‌ನಿಗೂ ಕಲಿಸಿದ. ಅತ್ತ ಊರಿನಲ್ಲಿ ತಾಯಿ ಹೆಲೆನಾ ಬೇರೊಬ್ಬ ಯೆಹೂದ್ಯನಿಂದ ಅದನ್ನೇ ಕಲಿತಿದ್ದಳು. ಮಿಷನ್ ಇಲ್ಲ, ಪ್ರಚಾರ ಸಭೆ ಇಲ್ಲ. ವ್ಯಾಪಾರದ ದಾರಿ, ಹೆಂಗಸರ ಮಾತುಕತೆ. ಇದನ್ನೆಲ್ಲ ನಮಗೆ ಹೇಳುವವನು ಯೆಹೂದ್ಯ ಇತಿಹಾಸಕಾರ ಜೋಸೆಫಸ್, ಕ್ರಿ.ಶ. 93–94ರ ಸುಮಾರಿಗೆ ರೋಮಿನಲ್ಲಿ ಕೂತು.

ಪಟ್ಟಕ್ಕೆ ಬಂದ ಇಜಾತೆಸ್ ಪೂರ್ತಿ ಯೆಹೂದ್ಯನಾಗಬೇಕು, ಸುನ್ನತಿ ಮಾಡಿಸಿಕೊಳ್ಳಬೇಕು ಎಂದು ಹೊರಟ. ಮೊದಲು ಅಡ್ಡ ಬಂದವಳು ತಾಯಿ: ಪರರ ಆಚಾರ ಹಿಡಿದ ದೊರೆಯನ್ನು ಪ್ರಜೆಗಳು ಸಹಿಸುವುದಿಲ್ಲ. ಆಮೇಲೆ ಅಡ್ಡ ಬಂದವನು ಕಲಿಸಿದ ಗುರುವೇ! ಸುನ್ನತಿ ಇಲ್ಲದೆಯೂ ದೇವರನ್ನು ಆರಾಧಿಸಬಹುದು, ಅನಿವಾರ್ಯ ಕಾರಣಕ್ಕೆ ಬಿಟ್ಟರೆ ದೇವರು ಕ್ಷಮಿಸುತ್ತಾನೆ ಎಂದ ಅನನೀಯ. ರಾಜನನ್ನು ಕೆಡಿಸಿದವನೆಂದು ತನ್ನ ತಲೆ ಹೋದೀತೆಂಬ ಭಯವೂ ಅವನಿಗಿತ್ತು, ಜೋಸೆಫಸ್ ಅದನ್ನು ಮುಚ್ಚಿಡುವುದಿಲ್ಲ. ಇಜಾತೆಸ್ ಸುಮ್ಮನಾದ. ಸ್ವಲ್ಪ ಕಾಲದ ಮೇಲೆ ಗಲಿಲಾಯದಿಂದ ಎಲಿಯಾಜರ್ ಎಂಬ ಕಟ್ಟುನಿಟ್ಟಿನ ಮನುಷ್ಯ ಬಂದ. ರಾಜ ಮೋಶೆಯ ಧರ್ಮಶಾಸ್ತ್ರ ಓದುತ್ತಾ ಕೂತಿದ್ದ. ಓದಿದರಷ್ಟೇ ಸಾಲದು, ಅದು ಹೇಳಿದ್ದನ್ನು ಮಾಡಬೇಕು, ಎಷ್ಟು ದಿನ ಹೀಗೇ ಇರುತ್ತೀ ಎಂದು ಗದರಿದ. ರಾಜ ಎದ್ದು ಪಕ್ಕದ ಕೋಣೆಗೆ ಹೋಗಿ ವೈದ್ಯನನ್ನು ಕರೆಸಿ ಮುಗಿಸಿಯೇಬಿಟ್ಟ. ಆಮೇಲೆ ತಾಯಿಗೂ ಗುರುವಿಗೂ ಸುದ್ದಿ ತಿಳಿಸಿದ, ಇಬ್ಬರೂ ನಡುಗಿಹೋದರು.

ಯೆಹೂದ್ಯ ಧರ್ಮಪಂಡಿತರಾದ ರಬ್ಬಿಗಳ ಪರಂಪರೆಯಲ್ಲಿ ಇದೇ ಕಥೆ ಇನ್ನೊಂದು ರೂಪದಲ್ಲಿದೆ. ಅದರಲ್ಲಿ ಅಣ್ಣತಮ್ಮಂದಿರಿಬ್ಬರು ಬೈಬಲ್ಲಿನ ಮೊದಲ ಪುಸ್ತಕ ಆದಿಕಾಂಡ ಓದುತ್ತಾ ಕೂತಿರುತ್ತಾರೆ. 17ನೇ ಅಧ್ಯಾಯಕ್ಕೆ ಬಂದಾಗ ಒಬ್ಬ ಗೋಡೆಯ ಕಡೆ ತಿರುಗಿ ಅಳುತ್ತಾನೆ, ಇನ್ನೊಬ್ಬ ಈ ಕಡೆ ತಿರುಗಿ ಅಳುತ್ತಾನೆ. ಯೆಹೂದ್ಯರ ಮೂಲಪುರುಷ ಅಬ್ರಹಾಮನಿಗೆ ದೇವರು ಸುನ್ನತಿಯ ಆಜ್ಞೆ ಕೊಡುವ ಅಧ್ಯಾಯ ಅದು. ಈ ಅಧ್ಯಾಯ ಮತ್ತೆ ಬರುತ್ತದೆ.

ಮೂವರು ಸಲಹೆಗಾರರಲ್ಲಿ ಯಾರೊಬ್ಬರೂ ‘ನೀನು ಏನು ನಂಬುತ್ತೀ?’ ಎಂದು ಇಜಾತೆಸ್‌ನನ್ನು ಕೇಳುವುದಿಲ್ಲ. ಅವನ ನಂಬಿಕೆ ಎಲ್ಲರಿಗೂ ಗೊತ್ತು, ಅದು ಚರ್ಚೆಯ ವಿಷಯವೇ ಅಲ್ಲ. ಚರ್ಚೆ ಇರುವುದು ಅವನು ಯಾರವನು ಎಂಬುದರ ಮೇಲೆ. ಮುಂದೆ ಅವನು ಐವರು ಮಕ್ಕಳನ್ನು ಭಾಷೆ ಕಲಿಯಲು ಯೆರೂಸಲೇಮಿಗೆ ಕಳಿಸಿದ. ಕ್ಲೌಡಿಯಸ್ ಚಕ್ರವರ್ತಿಯ ಕಾಲದ ಬರಗಾಲದಲ್ಲಿ ಹೆಲೆನಾ ಅಲೆಕ್ಸಾಂಡ್ರಿಯದಿಂದ ಧಾನ್ಯ, ಸೈಪ್ರಸ್‌ನಿಂದ ಒಣ ಅಂಜೂರ ತರಿಸಿ ಆ ಊರಿಗೆ ಹಂಚಿದಳು. ತಾಯಿ ಮಗ ಇಬ್ಬರ ಎಲುಬುಗಳೂ ಕೊನೆಗೆ ಯೆರೂಸಲೇಮಿನಲ್ಲೇ ಮಣ್ಣು ಕಂಡವು. ದತ್ತು ಪೂರ್ತಿಯಾಯಿತು ಅನ್ನಿ.

ಎಲ್ಲರಿಗೂ ಹಾಗೆ ಸ್ವಇಚ್ಛೆಯ ದಾರಿ ಸಿಗಲಿಲ್ಲ. ಕ್ರಿ.ಪೂ. ಎರಡನೇ ಶತಮಾನದ ಕೊನೆಯಲ್ಲಿ ಯೆಹೂದ್ಯ ದೊರೆ ಯೋಹಾನ ಹಿರ್ಕಾನಸ್ ನೆರೆಯ ಎದೋಮ್ಯರನ್ನು ಗೆದ್ದು, ಸುನ್ನತಿ ಮಾಡಿಸಿಕೊಂಡು ನಮ್ಮ ಕಟ್ಟಳೆಯಂತೆ ನಡೆಯುವುದಾದರೆ ಇರಿ, ಇಲ್ಲವಾದರೆ ಊರು ಬಿಡಿ ಎಂದ. ಅವರು ಉಳಿದರು. ಆ ಎದೋಮ್ಯರ ಪೈಕಿಯವನೇ ಮಹಾ ಹೆರೋದ. ಯೆರೂಸಲೇಮಿನ ದೇವಾಲಯವನ್ನು ಭವ್ಯವಾಗಿ ಕಟ್ಟಿಸಿದರೂ ಎದುರಾಳಿಯ ಬಾಯಲ್ಲಿ ಅವನು ‘ಅರ್ಧ ಯೆಹೂದ್ಯ’.

ಅನನೀಯ ಹೇಳಿದ ದಾರಿ ಹಿಡಿದವರ ಕಥೆ ನನಗೆ ಇನ್ನೂ ಇಷ್ಟ. ಒಳಗೆ ಬರದೆ ಜಗಲಿಯ ಮೇಲೆ ಕೂತವರು. ಗ್ರೀಕಿನಲ್ಲಿ ‘ಥಿಯೊಸೆಬೈಸ್’, ದೇವರಿಗೆ ಅಂಜುವವರು. ಟರ್ಕಿಯ ಅಫ್ರೊಡಿಸಿಯಾಸ್‌ನಲ್ಲಿ 1976ರಲ್ಲಿ ಸಿಕ್ಕ ಅಮೃತಶಿಲೆಯ ಶಾಸನದಲ್ಲಿ ಒಂದು ಯೆಹೂದ್ಯ ಸಂಸ್ಥೆಯ ದಾನಿಗಳ ಪಟ್ಟಿಯಿದೆ. ಅದರಲ್ಲಿ ಪೂರ್ತಿ ಬಂದು ಸೇರಿದವರು ಮೂವರೇ. ಜಗಲಿಯವರು ಐವತ್ತಕ್ಕೂ ಹೆಚ್ಚು, ಅವರಲ್ಲಿ ಒಂಬತ್ತು ಜನ ನಗರಸಭೆಯ ಸದಸ್ಯರು. ಮೊದಲು ಕ್ರಿ.ಶ. 3ನೇ ಶತಮಾನದ್ದೆಂದು ಎಣಿಸಿದ್ದ ಈ ಕಲ್ಲನ್ನು ಈಗ ಹಲವು ವಿದ್ವಾಂಸರು 4–5ನೇ ಶತಮಾನಕ್ಕೆ ತರುತ್ತಾರೆ. ಅದಕ್ಕೂ ಬಹಳ ಮುಂಚೆ, ನೀರೋನ ಕಾಲದ ಸುಮಾರಿಗೆ, ಅಕ್ಮೋನಿಯ ಎಂಬ ಊರಿನಲ್ಲಿ ಜೂಲಿಯಾ ಸೆವೆರಾ ಯೆಹೂದ್ಯರಿಗೆ ಸಭಾಮಂದಿರ ಕಟ್ಟಿಸಿಕೊಟ್ಟಿದ್ದಳು. ಅವಳು ರೋಮನ್ ಚಕ್ರವರ್ತಿಯ ಪೂಜೆಯ ಮುಖ್ಯ ಅರ್ಚಕಿ. ಇತ್ತ ಕಟ್ಟಡ, ಅತ್ತ ಪೂಜೆ. ಅವಳಿಗೆ ಇದರಲ್ಲಿ ವಿರೋಧ ಕಂಡಿರಲಾರದು. ಯೆಹೂದ್ಯರೂ ಕಟ್ಟಡ ಬೇಡ ಅನ್ನಲಿಲ್ಲ.

ಯೇಸುವಿನ ಸಂದೇಶ ಸಾರುತ್ತಾ ತಿರುಗಿದ ಯೆಹೂದ್ಯ ಪೌಲ ಬಂದದ್ದು ಈ ಜಗಲಿಗೆ.

ಪೌಲನೇ ‘ಮತಾಂತರ’ ಹೊಂದಿದನೆಂದು ನಮ್ಮಲ್ಲಿ ರೂಢಿಯ ಮಾತು. ಅವನ ಪತ್ರಗಳಲ್ಲಿ ಅಂಥ ಮಾತಿಲ್ಲ. ತಾಯಿಯ ಗರ್ಭದಲ್ಲಿದ್ದಾಗಲೇ ದೇವರು ತನ್ನನ್ನು ಪ್ರತ್ಯೇಕಿಸಿ ಕರೆದನೆಂದು ಈಗಿನ ಟರ್ಕಿಯಲ್ಲಿರುವ ಗಲಾತ್ಯ ಸೀಮೆಯವರಿಗೆ ಬರೆಯುತ್ತಾನೆ, ಹಳೆಯ ಪ್ರವಾದಿ ಯೆರೆಮೀಯನ ಧಾಟಿಯಲ್ಲಿ. ‘ಕ್ರೈಸ್ತ’ ಎಂಬ ಪದ ಅವನ ಪತ್ರಗಳಲ್ಲಿ ಎಲ್ಲೂ ಬರುವುದಿಲ್ಲ. ಅವನು ಎಲ್ಲಿಂದಲೋ ಎಲ್ಲಿಗೋ ಹೋದವನಲ್ಲ, ತನ್ನ ದೇವರಿಂದ ಹೊಸ ಕೆಲಸಕ್ಕೆ ನೇಮಕಗೊಂಡವನು. ಬದಲಾಗಬೇಕಾದವರು ಅವನ ಕೇಳುಗರು, ಅಂದರೆ ಯೆಹೂದ್ಯರಲ್ಲದವರು.

ಅವರು ಏನಾಗಬೇಕು? ಕ್ರಿ.ಶ. 50ರ ಸುಮಾರಿನ ಜಗಳ ಇದೇ. ಪೌಲ ಹೋದ ಮೇಲೆ ಗಲಾತ್ಯಕ್ಕೆ ಬಂದ ಬೋಧಕರು ಸುನ್ನತಿ ಬೇಕೇಬೇಕು ಎಂದರು. ನನ್ನ ದೃಷ್ಟಿಯಲ್ಲಿ ಅವರು ಎಲಿಯಾಜರ್‌ನ ಜಾಯಮಾನದವರು, ಖಳನಾಯಕರಲ್ಲ. ಅಬ್ರಹಾಮನ ಮನೆಗೆ ಬರುವುದಾದರೆ ಬಾಗಿಲಿನಿಂದಲೇ ಬನ್ನಿ, 17ನೇ ಅಧ್ಯಾಯದಲ್ಲಿ ಬರೆದಿದೆಯಲ್ಲ ಎಂಬುದು ನ್ಯಾಯವಾದ ಮಾತೇ. ಪೌಲನಿಗೆ ಎಷ್ಟು ಸಿಟ್ಟು ಬಂತೆಂದರೆ, ಅವರು ಅಷ್ಟಕ್ಕೇ ನಿಲ್ಲದೆ ಪೂರ್ತಿ ಕತ್ತರಿಸಿಕೊಳ್ಳಲಿ ಎಂದು ಪತ್ರದಲ್ಲೇ ಬೈದುಬಿಟ್ಟ. ಮುಂದೆ ರೋಮಿನವರಿಗೆ ಬರೆದ ಪತ್ರದಲ್ಲಿ ಅವನು ವಾದಕ್ಕೆ ಹಿಡಿದುಕೊಳ್ಳುವುದೂ ಅದೇ ಅಧ್ಯಾಯವನ್ನು. ಸುನ್ನತಿಯ ಆಜ್ಞೆಗೆ ಕೆಲವು ವಚನ ಮೊದಲೇ ದೇವರು ಅಬ್ರಹಾಮನಿಗೆ ‘ಅನೇಕ ಜನಾಂಗಗಳಿಗೆ ತಂದೆ’ ಎಂದಿದ್ದಾನೆ. ‘ಜನಾಂಗಗಳು’ ಎಂದರೆ ಯೆಹೂದ್ಯರಲ್ಲದವರೂ ಸೇರಿದರು. ಆದ್ದರಿಂದ ಗ್ರೀಕನು ಗ್ರೀಕನಾಗಿಯೇ ಇದ್ದು ಅಬ್ರಹಾಮನಿಗೆ ಮೊಮ್ಮಗನಾಗಬಹುದು. ಕೊರಿಂಥದ ಗ್ರೀಕರಿಗೆ ಬರೆಯುವಾಗ, ಮೋಶೆಯೊಡನೆ ಸಮುದ್ರ ದಾಟಿದ ಹಳೆಯ ಇಸ್ರಾಯೇಲ್ಯರನ್ನು ಪೌಲ ಸಲೀಸಾಗಿ ‘ನಮ್ಮ ಪಿತೃಗಳು’ ಎನ್ನುತ್ತಾನೆ. ಮಿಶ್ನಾ ಬೇಡವೆಂದ ಅದೇ ಸರ್ವನಾಮ.

ತಮಾಷೆಯೆಂದರೆ, ಸುಮಾರು ನೂರು ವರ್ಷದ ಮೇಲೆ ರಬ್ಬಿ ಯೆಹೂದ ಎಂಬಾತ ಅದೇ ವಚನ ಹಿಡಿದು ಮಿಶ್ನಾದ ನಿಯಮವನ್ನು ಎದುರಿಸಿದ್ದಾನೆ. ಅಬ್ರಹಾಮ ಎಲ್ಲ ಜನಾಂಗಗಳಿಗೂ ತಂದೆಯಾದ್ದರಿಂದ ಬಂದು ಸೇರಿದವನೂ ಬುಟ್ಟಿ ತಂದು ‘ನಮ್ಮ ಪಿತೃಗಳು’ ಎನ್ನಬಹುದು ಎಂಬುದು ಯೆರೂಸಲೇಮ್ ತಾಲ್ಮುಡ್‌ನಲ್ಲಿ ದಾಖಲಾಗಿದೆ. 12ನೇ ಶತಮಾನದಲ್ಲಿ ಓಬದ್ಯ ಎಂಬ ಹೊಸಬ ಇದೇ ಪ್ರಶ್ನೆ ಕೇಳಿದಾಗ ಯೆಹೂದ್ಯ ಪಂಡಿತ ಮೈಮೊನಿಡೀಸ್ ಕೊಟ್ಟ ಉತ್ತರವೂ ಅದೇ: ಎಲ್ಲರಂತೆ ಹೇಳು, ಒಂದಕ್ಷರ ಬದಲಿಸಬೇಡ. ಒಂದೇ ವಚನ. ರಬ್ಬಿಗೆ ಅದು ಒಳಗೆ ಬಂದವನನ್ನು ಪೂರ್ತಿ ಮನೆಯವನನ್ನಾಗಿಸುವ ಮಾತು, ಪೌಲನಿಗೆ ಮನೆಯ ಗೋಡೆಯನ್ನೇ ಸರಿಸುವ ಮಾತು.

ಪೌಲ ದಾರಿಯನ್ನು ಸುಲಭ ಮಾಡಿದ ಎಂದು ವಿದ್ಯಾರ್ಥಿಗಳು ಬರೆಯುತ್ತಾರೆ. ನಾನು ಅಂಕ ಕಳೆಯುತ್ತೇನೆ. ಸುನ್ನತಿ ಕೈಬಿಟ್ಟ, ನಿಜ. ಆದರೆ ಜಗಲಿಯನ್ನೂ ಕೆಡವಿದ. ಜೂಲಿಯಾ ಸೆವೆರಾಳಂಥವಳಿಗೆ ಅವನ ಸಭೆಯಲ್ಲಿ ಜಾಗವಿರಲಿಲ್ಲ. ಥೆಸಲೋನಿಕದವರನ್ನು ‘ವಿಗ್ರಹಗಳನ್ನು ಬಿಟ್ಟು ದೇವರ ಕಡೆ ತಿರುಗಿಕೊಂಡಿರಿ’ ಎಂದು ಹೊಗಳಿದ. ಊರ ಹಬ್ಬ, ಮನೆದೇವರು, ಸಂಘದ ಊಟ ಎಲ್ಲವೂ ದೇವತೆಗಳ ಜೊತೆ ಹೆಣೆದುಕೊಂಡಿದ್ದ ಕಾಲದಲ್ಲಿ ಅದು ಸಣ್ಣ ಮಾತಲ್ಲ. ದೇವತೆಗಳಿಗೆ ಬಲಿಕೊಟ್ಟದ್ದಿರಬಹುದಾದ ಮಾರುಕಟ್ಟೆಯ ಮಾಂಸ ತಿನ್ನಬಹುದೇ ಎಂಬ ಪ್ರಶ್ನೆಗೇ ಕೊರಿಂಥದವರಿಗೆ ಪುಟಗಟ್ಟಲೆ ಬರೆಯಬೇಕಾಯಿತು.

ಮುಂದಿನ ಶತಮಾನಗಳಲ್ಲಿ ಈ ಬಿಡುವಿಕೆಗೊಂದು ಶಿಸ್ತು ಬಂತು. ಹಿಪ್ಪೊಲಿಟಸ್ ಎಂಬ ಕ್ರೈಸ್ತ ಗುರುವಿನ ಹೆಸರಲ್ಲಿ ಬಂದಿರುವ ಒಂದು ಹಳೆಯ ಸಭಾನಿಯಮದ ಪ್ರಕಾರ, ಕ್ರೈಸ್ತನಾಗಲು ನೀರಿನಲ್ಲಿ ಮಾಡುವ ದೀಕ್ಷಾಸ್ನಾನಕ್ಕೆ ಮುಂಚೆ ಮೂರು ವರ್ಷ ಬೋಧನೆ ಕೇಳಬೇಕು. ಮೊದಲ ದಿನವೇ ಕಸುಬಿನ ವಿಚಾರಣೆ. ಗ್ಲಾಡಿಯೇಟರ್ ಕೆಲಸ ಬಿಡಬೇಕು, ವಿಗ್ರಹ ಕೆತ್ತುವವನು, ನಾಟಕದವನು ಬಿಡಬೇಕು. ಮಕ್ಕಳಿಗೆ ಲೌಕಿಕ ವಿದ್ಯೆ ಕಲಿಸುವವನು ಬಿಟ್ಟರೆ ಒಳ್ಳೆಯದು, ಬೇರೆ ಕಸುಬು ಗೊತ್ತಿಲ್ಲದಿದ್ದರೆ ಹೋಗಲಿ ಬಿಡಿ. ಮೇಷ್ಟ್ರುಗಳಿಗೆ ಸಿಕ್ಕ ಈ ರಿಯಾಯಿತಿಯನ್ನು ಓದಿದಾಗಲೆಲ್ಲ ನನಗೆ ನಗು ಬರುತ್ತದೆ.

ಇತ್ತ ಬಾಬಿಲೋನಿನ ತಾಲ್ಮುಡ್‌ನಲ್ಲಿ ಬಂದವನಿಗೆ ಮೊದಲ ಪ್ರಶ್ನೆ: ಏನು ನೋಡಿ ಬಂದೆ? ಇಸ್ರಾಯೇಲಿನ ಜನ ಈಗ ನೊಂದು, ತುಳಿತಕ್ಕೆ ಸಿಕ್ಕಿರುವುದು ಗೊತ್ತಿಲ್ಲವೇ? ‘ಗೊತ್ತು, ನಾನು ಅದಕ್ಕೂ ಯೋಗ್ಯನಲ್ಲ’ ಎಂದರೆ ತಕ್ಷಣ ಒಪ್ಪಿಕೊಳ್ಳಬೇಕು. ಗದ್ದೆಯ ಮೂಲೆಯಲ್ಲಿ ಬಡವರಿಗೆ ಪೈರು ಬಿಡುವುದರಂಥ ಕೆಲವು ಆಜ್ಞೆಗಳನ್ನು ತಿಳಿಸಬೇಕು. ಗಂಡಸಾದರೆ ಸುನ್ನತಿ, ಗಾಯ ಮಾಗಿದ ಮೇಲೆ ನೀರಿನಲ್ಲಿ ಮುಳುಗು. ಹೆಂಗಸಾದರೆ ಹೆಂಗಸರು ಅವಳನ್ನು ಕತ್ತಿನವರೆಗೆ ನೀರಿನಲ್ಲಿ ಕೂರಿಸುತ್ತಾರೆ, ಪಂಡಿತರು ಹೊರಗೆ ನಿಂತು ಆಜ್ಞೆಗಳನ್ನು ಹೇಳುತ್ತಾರೆ.

ಉದ್ದೇಶ ಶುದ್ಧವಾಗಿರಬೇಕೇ? ಹೆಣ್ಣಿಗಾಗಿ, ಗಂಡಿಗಾಗಿ, ಅರಮನೆಯ ಊಟಕ್ಕಾಗಿ ಬಂದವರ ಬಗ್ಗೆ ಬಿಸಿಯಾಗಿಯೇ ವಾದ ಮಾಡಿದ ತಾಲ್ಮುಡ್ ಕೊನೆಗೆ ಅವರೆಲ್ಲರೂ ಸೇರಿದವರೇ ಎಂದು ತೀರ್ಮಾನಿಸಿತು. ಕ್ರಿ.ಶ. 350ರ ಸುಮಾರಿಗೆ ಯೆರೂಸಲೇಮಿನ ಕ್ರೈಸ್ತ ಗುರು ಸಿರಿಲ್ ದೀಕ್ಷಾಸ್ನಾನಕ್ಕೆ ಹೆಸರು ಕೊಟ್ಟವರಿಗೆ ಹೇಳಿದ್ದೂ ಹೆಚ್ಚುಕಡಿಮೆ ಅದನ್ನೇ: ನೀನು ಹೆಣ್ಣೊಬ್ಬಳನ್ನು ಮೆಚ್ಚಿಸಲು ಬಂದಿರಬಹುದು, ಧಣಿಯನ್ನು ಮೆಚ್ಚಿಸಲು ಬಂದಿರಬಹುದು. ಇರಲಿ, ಆ ಎರೆಯನ್ನು ಗಾಳಕ್ಕೆ ಸಿಕ್ಕಿಸಿಕೊಳ್ಳುತ್ತೇನೆ, ಒಳಗೆ ಬಾ. ಮನುಷ್ಯರನ್ನು ಬಲ್ಲವರು ಎರಡೂ ಕಡೆ ಇದ್ದರು.

ತರಗತಿಯ ಕೊನೆಗೆ ನಾನು ತೋರಿಸುವುದು ರೋಮಿನ ಒಂದು ಸಮಾಧಿಲೇಖ. ಲ್ಯಾಟಿನ್ ಕಾಗುಣಿತ ತಪ್ಪುತಪ್ಪು, ಕೊನೆಗೆ ಒಂದು ಸಾಲು ಗ್ರೀಕು. ವೆತೂರಿಯಾ ಪೌಲಾ ಎಂಬ ಹೆಂಗಸು 86 ವರ್ಷ 6 ತಿಂಗಳು ಬದುಕಿದಳು, ಅದರಲ್ಲಿ 16 ವರ್ಷ ಪ್ರೊಸೆಲುತೊಸ್ ಆಗಿ. ಎಂದರೆ 70ನೇ ವಯಸ್ಸಿನಲ್ಲಿ ಬಂದು ಸೇರಿದಳು. ಗಂಡ ಯಾರು, ಮಕ್ಕಳು ಯಾರು, ಕಲ್ಲು ಹೇಳುವುದಿಲ್ಲ. ಎರಡು ಸಭಾಮಂದಿರಗಳಿಗೆ ಅವಳು ‘ತಾಯಿ’ ಎಂಬ ಬಿರುದು ಪಡೆದಿದ್ದಳೆಂದು ಹೇಳುತ್ತದೆ, ಇಟ್ಟುಕೊಂಡ ಹೊಸ ಹೆಸರನ್ನೂ ಹೇಳುತ್ತದೆ: ಸಾರಾ. ಅಬ್ರಹಾಮನ ಹೆಂಡತಿಗೆ ಆ ಹೆಸರು ಬಂದದ್ದು, ತೊಂಬತ್ತರ ಮುದುಕಿ ತಾಯಿಯಾಗುತ್ತಾಳೆಂದು ಕೇಳಿ ಅಬ್ರಹಾಮ ಬೋರಲು ಬಿದ್ದು ನಕ್ಕದ್ದು, ಆದಿಕಾಂಡದ 17ನೇ ಅಧ್ಯಾಯದಲ್ಲಿ.