ಗಂಡ ಅಮೆರಿಕದಲ್ಲಿ, ಹೆಂಡತಿ ಇಂಗ್ಲೆಂಡಿನಲ್ಲಿ: ಹಡಗು ಹತ್ತೋಕೆ ಅಷ್ಟು ತಡ ಯಾಕಾಯ್ತು?

ಓದುಗರ ಪ್ರಶ್ನೆ: ಎರಡನೇ ಮಹಾಯುದ್ಧದ ಕಾಲದಲ್ಲಿ ಅಮೆರಿಕ, ಕೆನಡಾದ ಸೈನಿಕರನ್ನು ಮದುವೆಯಾದ ಸಾವಿರಾರು ಬ್ರಿಟಿಷ್ ಹೆಣ್ಣುಮಕ್ಕಳು ಯುದ್ಧ ಮುಗಿದ ಮೇಲೂ ತಿಂಗಳುಗಟ್ಟಲೆ ತವರಿನಲ್ಲೇ ಉಳಿದಿದ್ದರು ಅಂತ ಓದಿದೆ. ಮದುವೆ ಕಾನೂನಿನ ಪ್ರಕಾರವೇ ಆಗಿತ್ತು. ಗಂಡ ಅಲ್ಲಿ ಕಾಯ್ತಾ ಇದ್ದ. ಸುಮ್ನೆ ಒಂದು ಟಿಕೆಟ್ ತಗೊಂಡು ಹಡಗು ಹತ್ತಬಹುದಿತ್ತು, ಅಲ್ವಾ?

ಉತ್ತರ: ಹತ್ತಬಹುದಿತ್ತು, ಹಡಗು ಇದ್ದಿದ್ದರೆ. ಕೈಯಲ್ಲಿ ದುಡ್ಡಿದ್ದವರಿಗೂ 1945ರಲ್ಲಿ ಅಟ್ಲಾಂಟಿಕ್ ದಾಟುವ ಟಿಕೆಟ್ ಸಿಗುವುದು ಕಷ್ಟವಿತ್ತು. ದೊಡ್ಡ ಪ್ರಯಾಣಿಕರ ಹಡಗುಗಳೆಲ್ಲ ಸೇನೆಯ ಕೈಯಲ್ಲಿದ್ದವು. ಯಾರು ಮೊದಲು ಹೋಗಬೇಕು, ಯಾರು ಆಮೇಲೆ ಅನ್ನುವುದನ್ನು ಸೇನೆಯೇ ತೀರ್ಮಾನಿಸುತ್ತಿತ್ತು. ಆ ಸಾಲಿನಲ್ಲಿ ಹೆಂಡತಿಯರ ಜಾಗ ಕೊನೆಯಲ್ಲಿ.

ಈ ಕಥೆಯನ್ನು ಸಾಮಾನ್ಯವಾಗಿ ಪ್ರೇಮಕಥೆಯ ಹಾಗೆ ಹೇಳುತ್ತಾರೆ. ಡ್ಯಾನ್ಸ್ ಹಾಲ್, ಯೂನಿಫಾರ್ಮ್, ಚಾಕೊಲೇಟ್, ಕಣ್ಣೀರಿನ ವಿದಾಯ. ಅದೆಲ್ಲ ಇತ್ತು ನಿಜ. ಆದರೆ ನನ್ನ ಮಟ್ಟಿಗೆ ಇದು ಜಾಸ್ತಿ ಸಾಗಣೆಯ ಕಥೆ. ಯಾರನ್ನು ಯಾವ ಹಡಗಿಗೆ ತುಂಬಬೇಕು, ಯಾರ ಕಾಗದ ಸರಿ ಇದೆ, ಯಾರಿಗೆ ಬಾಗಿಲು ಮುಚ್ಚಿದೆ ಅನ್ನುವ ಲೆಕ್ಕದ ಕಥೆ.

ಅಮೆರಿಕದ ಸೈನಿಕರ ಮೊದಲ ದೊಡ್ಡ ತಂಡ ಬೆಲ್‌ಫಾಸ್ಟ್‌ನಲ್ಲಿ ಇಳಿದದ್ದು 1942ರ ಜನವರಿ 26ರಂದು. ಆಮೇಲಿನ ಮೂರು ವರ್ಷಗಳಲ್ಲಿ ಲಕ್ಷಾಂತರ ಜನ ಬ್ರಿಟನ್ ಮೂಲಕ ಹಾದುಹೋದರು. ಸುಮಾರು 70,000 ಬ್ರಿಟಿಷ್ ಹೆಣ್ಣುಮಕ್ಕಳು ಅವರ ಕೈಹಿಡಿದರು. ಸೇನೆಗೆ ಇದು ಇಷ್ಟವಿರಲಿಲ್ಲ. ಮದುವೆಗೆ ಮೇಲಧಿಕಾರಿಯ ಅನುಮತಿ ಬೇಕಿತ್ತು. ಅರ್ಜಿ ಕೊಟ್ಟು ತಿಂಗಳುಗಳು ಕಾಯಬೇಕಿತ್ತು. ಅಷ್ಟರಲ್ಲಿ ಹುಡುಗನನ್ನು ಬೇರೆ ಕಡೆಗೆ ಕಳಿಸಿದರೆ ಮುಗಿಯಿತು. ಅನುಮತಿ ಸಿಕ್ಕವರಿಗೂ ವಿಶೇಷ ಸವಲತ್ತೇನೂ ಇರಲಿಲ್ಲ. ಹೆಂಡತಿಯನ್ನು ಊರಿಗೆ ಕರೆದುಕೊಂಡು ಹೋಗುವ ಹೊಣೆ ಸೇನೆಯದಲ್ಲ ಅನ್ನುವುದು ಆಗಿನ ನಿಲುವು.

1945ರ ಮೇ ತಿಂಗಳಲ್ಲಿ ಯೂರೋಪಿನ ಯುದ್ಧ ನಿಂತಾಗ ಅಲ್ಲಿದ್ದ ಅಮೆರಿಕನ್ ಸೈನಿಕರು ಸುಮಾರು 30 ಲಕ್ಷ. ಎಲ್ಲರಿಗೂ ಒಂದೇ ಆಸೆ, ಮನೆ ಸೇರಬೇಕು. ಯಾರು ಮೊದಲು ಅನ್ನುವುದಕ್ಕೆ ಸೇನೆ ಅಂಕಗಳ ಪದ್ಧತಿ ತಂದಿತು. ಸೇವೆಯ ಪ್ರತಿ ತಿಂಗಳಿಗೆ ಒಂದು ಅಂಕ, ವಿದೇಶದಲ್ಲಿದ್ದ ಪ್ರತಿ ತಿಂಗಳಿಗೆ ಇನ್ನೊಂದು, ಪ್ರತಿ ಪದಕಕ್ಕೆ ಐದು, ಪ್ರತಿ ಮಗುವಿಗೆ ಹನ್ನೆರಡು. ಮೂರು ಮಕ್ಕಳವರೆಗೆ ಮಾತ್ರ ಲೆಕ್ಕ. ಒಟ್ಟು 85 ಆದವರಿಗೆ ಮೊದಲ ಅವಕಾಶ. ಹೆಂಡತಿ ಇದ್ದರೆ ಎಷ್ಟು ಅಂಕ ಗೊತ್ತಾ? ಸೊನ್ನೆ.

ಹೀಗಾಗಿ ಗಂಡಂದಿರು ಹಡಗು ಹತ್ತಿ ಹೋದರು, ಹೆಂಡತಿಯರು ಮಗುವನ್ನು ಎತ್ತಿಕೊಂಡು ಬಂದರಿನ ಈಚೆ ಉಳಿದರು. ಅಟ್ಲಾಂಟಿಕ್‌ನ ಅತಿ ಭವ್ಯ ಹಡಗುಗಳಲ್ಲಿ ಒಂದಾಗಿದ್ದ ಕ್ವೀನ್ ಮೇರಿಯನ್ನೇ ನೋಡಿ. ಯುದ್ಧದಲ್ಲಿ ಅದಕ್ಕೆ ಬೂದು ಬಣ್ಣ ಬಳಿದು, ಒಳಗೆ ಮಂಚದ ಮೇಲೆ ಮಂಚ ಜೋಡಿಸಿದ್ದರು. 1943ರ ಜುಲೈನ ಒಂದು ಯಾನದಲ್ಲಿ ಅದು 16,683 ಜನರನ್ನು ಹೊತ್ತಿತ್ತು. ಅಂಥ ಹಡಗಿನಲ್ಲಿ ಹಸುಗೂಸಿನ ತಾಯಂದಿರನ್ನು ಕೂರಿಸಬೇಕಾದರೆ ಮಂಚಗಳನ್ನು ಕಿತ್ತು, ನ್ಯಾಪಿ ಒಗೆಯುವ ಜಾಗ, ಹಾಲು ಕಾಯಿಸುವ ಜಾಗ ಮಾಡಬೇಕು. ಜನರ ಸಂಖ್ಯೆ ಹತ್ತರಲ್ಲಿ ಒಂದು ಪಾಲು ಆಗಿಬಿಡುತ್ತದೆ. ಯುದ್ಧಕ್ಕೆ ಹೋದ ಮಕ್ಕಳು ಯಾವಾಗ ಬರುತ್ತಾರೆ ಅಂತ ಅಮೆರಿಕದ ತಾಯಂದಿರು ಸಂಸದರ ಬಾಗಿಲು ಬಡಿಯುತ್ತಿದ್ದ ಕಾಲದಲ್ಲಿ ಯಾವ ಜನರಲ್ ಇದಕ್ಕೆ ಒಪ್ಪುತ್ತಾನೆ?

ಹೆಂಡತಿಯರು ಸುಮ್ಮನೆ ಕೂರಲಿಲ್ಲ. 1945ರ ಅಕ್ಟೋಬರ್‌ನಲ್ಲಿ ಲಂಡನ್ನಿನ ಕ್ಯಾಕ್ಸ್‌ಟನ್ ಹಾಲ್‌ನಲ್ಲಿ ಸೇರಿದರು. ಅಮೆರಿಕದ ರಾಯಭಾರ ಕಚೇರಿಗೂ ಮೆರವಣಿಗೆ ಹೋಯಿತು. ಕಂಕುಳಲ್ಲಿ ಮಕ್ಕಳು, ಕೈಯಲ್ಲಿ ಫಲಕಗಳು. ಹಡಗು ಕೊಡಿ, ಗಂಡನ ಹತ್ತಿರ ಕಳಿಸಿ ಅನ್ನುವುದಷ್ಟೇ ಬೇಡಿಕೆ. ಪತ್ರಿಕೆಗಳಲ್ಲಿ ಕೆಲವರು ಇವರನ್ನು ಆಡಿಕೊಂಡರು. ನಮ್ಮ ಹುಡುಗರನ್ನು ಬಿಟ್ಟು ಅಮೆರಿಕದವರನ್ನು ಕಟ್ಟಿಕೊಂಡರಲ್ಲ ಅನ್ನುವ ಸಿಟ್ಟು ಬ್ರಿಟನ್ನಿನಲ್ಲಿ ಸಾಕಷ್ಟಿತ್ತು. ನಮ್ಮ ಗಂಡುಗಳನ್ನು ಇವರು ಕಿತ್ತುಕೊಂಡರು ಅನ್ನುವ ಸಿಟ್ಟು ಅಮೆರಿಕದಲ್ಲೂ ಕಡಿಮೆ ಇರಲಿಲ್ಲ.

1945ರ ಡಿಸೆಂಬರ್ 28ರಂದು ಅಮೆರಿಕದಲ್ಲಿ ವಾರ್ ಬ್ರೈಡ್ಸ್ ಆ್ಯಕ್ಟ್ ಜಾರಿಗೆ ಬಂತು. ಸೈನಿಕರ ವಿದೇಶಿ ಹೆಂಡತಿ, ಗಂಡ ಮತ್ತು ಚಿಕ್ಕ ಮಕ್ಕಳನ್ನು ವಲಸೆಯ ಕೋಟಾದಿಂದ ಹೊರಗಿಟ್ಟ ಕಾಯಿದೆ ಇದು. ಮೂರು ವರ್ಷದ ಅವಧಿಯದು. ಹೆಂಡತಿಯರ ಬಾಗಿಲು ತೆರೆದದ್ದೇ ಈ ಕಾಯಿದೆ ಅಂತ ಎಲ್ಲ ಕಡೆ ಬರೆದಿರುತ್ತಾರೆ. ಬ್ರಿಟಿಷರ ವಿಷಯದಲ್ಲಿ ಅದು ಅರ್ಧ ಸತ್ಯ. ಬ್ರಿಟನ್ನಿಗೆ ವರ್ಷಕ್ಕೆ 65,721 ಜನರ ಕೋಟಾ ಮೊದಲೇ ಇತ್ತು, ಅದು ತುಂಬುತ್ತಲೇ ಇರಲಿಲ್ಲ. ಕೋಟಾ ಚಿಕ್ಕದಿದ್ದ ಇಟಲಿಯಂಥ ದೇಶಗಳ ಹೆಣ್ಣುಮಕ್ಕಳಿಗೆ ಈ ಕಾಯಿದೆ ನಿಜವಾದ ವರ. ಬ್ರಿಟಿಷರಿಗೆ ಅದರಿಂದ ಆದ ಲಾಭ ಬೇರೆ. ಕಾಗದಪತ್ರದ ಕಾಟ ಇಳಿಯಿತು. ಕಾಯಿದೆಯೇ ಬಂದ ಮೇಲೆ ಹಡಗಿಲ್ಲ ಅಂತ ಸೇನೆ ಕೈಚೆಲ್ಲುವುದು ಕಷ್ಟವಾಯಿತು. ಪ್ರಯಾಣದ ಖರ್ಚು ಅಮೆರಿಕ ಸರ್ಕಾರದ್ದು.

ಮುಂದಿನ ತಿಂಗಳೇ ಕೆಲಸ ಶುರುವಾಯಿತು. ಪತ್ರ ಬಂದವರು ಲಂಡನ್ನಿನ ವಾಟರ್‌ಲೂ ಸ್ಟೇಷನ್ನಿನಿಂದ ರೈಲು ಹತ್ತಿ ಟಿಡ್‌ವರ್ತ್ ಎಂಬಲ್ಲಿಗೆ ಹೋಗಬೇಕು. ಅಲ್ಲಿದ್ದದ್ದು ಸೈನಿಕರ ಶಿಬಿರ. ಜನವರಿಯ ಚಳಿ, ಉದ್ದುದ್ದ ಬ್ಯಾರಕ್ಕು, ಸಾಲು ಮಂಚ. ಊಟ ಬಡಿಸುತ್ತಿದ್ದವರು ಯುದ್ಧಕೈದಿಗಳು. ಫಾರಂ ತುಂಬಿಸುವುದು, ಬೆರಳಚ್ಚು, ಸಾಮಾನು ತಪಾಸಣೆ, ಪೌಂಡ್ ಕೊಟ್ಟು ಡಾಲರ್ ಪಡೆಯುವುದು. ಒಂದು ಸಾಲು ಮುಗಿದರೆ ಇನ್ನೊಂದು ಸಾಲು. ತುಂಬಾ ಜನ ಮರೆಯದೆ ಉಳಿಸಿಕೊಂಡ ನೆನಪು ಮಾತ್ರ ವೈದ್ಯಕೀಯ ಪರೀಕ್ಷೆಯದು. ಬಟ್ಟೆ ಕಳಚಿ ಸಾಲಿನಲ್ಲಿ ನಿಲ್ಲಬೇಕು. ಗುಪ್ತ ರೋಗ ಇದೆಯೋ ಅಂತ ಡಾಕ್ಟರ್ ಟಾರ್ಚ್ ಬಿಟ್ಟು ನೋಡುತ್ತಿದ್ದರು. ಮದುವೆಯಾದ ಗೃಹಿಣಿಯರು, ಕೆಲವರು ಬಸುರಿಯರು, ಹೆಚ್ಚಿನವರು ಇಪ್ಪತ್ತರ ಆಸುಪಾಸಿನವರು. ಎಷ್ಟೋ ದಶಕಗಳ ನಂತರ ಮಾತಾಡುವಾಗಲೂ ಅವರ ಸಿಟ್ಟು ಆರಿರಲಿಲ್ಲ. ಹೊಸ ಸೈನಿಕರಿಗೆ ಮಾಡುವ ಪರೀಕ್ಷೆಯನ್ನೇ ಇವರಿಗೂ ಮಾಡಿದ್ದರು. ಸೇನೆಗೆ ಬೇರೆ ವಿಧಾನ ಗೊತ್ತಿರಲಿಲ್ಲ ಅನ್ನಬಹುದು. ಅದು ಸಬೂಬೇ ಹೊರತು ಸಮರ್ಥನೆಯಲ್ಲ.

ಎಸ್‌ಎಸ್ ಅರ್ಜೆಂಟೀನಾ ಎಂಬ ಹಡಗು ಸೌತಾಂಪ್ಟನ್ ಬಂದರು ಬಿಟ್ಟದ್ದು 1946ರ ಜನವರಿ 26ರಂದು. ಬೆಲ್‌ಫಾಸ್ಟ್‌ನಲ್ಲಿ ಸೈನಿಕರು ಇಳಿದು ಸರಿಯಾಗಿ ನಾಲ್ಕು ವರ್ಷ! ಸುಮಾರು 450 ಹೆಂಡತಿಯರು, 170ಕ್ಕೂ ಹೆಚ್ಚು ಮಕ್ಕಳು. ಬೇಕಂತಲೇ ಇಟ್ಟ ಮುಹೂರ್ತ ಇರಲಾರದು, ಆದರೂ ಸೊಗಸಾಗಿದೆ. ಕೆಲವೇ ದಿನಗಳ ನಂತರ ಕ್ವೀನ್ ಮೇರಿಯೂ ಹೊರಟಿತು. ಅಮೆರಿಕದ ಪತ್ರಿಕೆಗಳು ಈ ಯಾನಗಳಿಗೆ ಡಯಾಪರ್ ರನ್ ಅಂತ ಹೆಸರಿಟ್ಟು ನಕ್ಕವು.

ಹಡಗಿನ ಒಳಗೆ ಏನೇನಿತ್ತು? ಮೊದಲನೆಯದು ಊಟ. ವರ್ಷಗಳಿಂದ ರೇಷನ್ ತಿಂದವರ ಮುಂದೆ ಬೆಳ್ಳಗಿನ ಬ್ರೆಡ್, ಬೆಣ್ಣೆ, ಮೊಟ್ಟೆ, ಕಿತ್ತಳೆ, ಐಸ್‌ಕ್ರೀಮು. ಬ್ರಿಟನ್ನಿನಲ್ಲಿ 1942ರಿಂದ ಸಿಕ್ಕಿದ್ದು ಬೂದು ಬಣ್ಣದ ಒರಟು ಬ್ರೆಡ್ಡು. ಅಲ್ಲಿ ರೇಷನ್ ಪೂರ್ತಿ ನಿಂತದ್ದು 1954ರಲ್ಲಿ. ಪಾಪ, ಬೆಣ್ಣೆ ಹಚ್ಚಿದ ಬಿಳಿ ಬ್ರೆಡ್ ಹೊಟ್ಟೆಗಿಳಿದ ಸ್ವಲ್ಪ ಹೊತ್ತಿಗೇ ಸಮುದ್ರ ಅದನ್ನು ವಾಪಸ್ ಕೇಳುತ್ತಿತ್ತು. ಚಳಿಗಾಲದ ಅಟ್ಲಾಂಟಿಕ್ ಅಂದರೆ ಆಟವಲ್ಲ. ತಾಯಿ ವಾಂತಿ ಮಾಡುತ್ತಾ ಮಲಗಿದರೆ ಮಗುವನ್ನು ನೋಡುವವರು ಯಾರು? ರೆಡ್ ಕ್ರಾಸ್‌ನ ಹೆಂಗಸರು, ನರ್ಸುಗಳು, ಪಕ್ಕದ ಮಂಚದವಳು. ಸಂಜೆ ಅಮೆರಿಕದ ಜೀವನದ ಬಗ್ಗೆ ಭಾಷಣ, ಸಿನಿಮಾ.

ಎಲ್ಲ ಯಾನಗಳೂ ಸುಖವಾಗಿ ಮುಗಿಯಲಿಲ್ಲ. ನೂರಾರು ಕೂಸುಗಳನ್ನು ಇಕ್ಕಟ್ಟಿನಲ್ಲಿ ಇಟ್ಟರೆ ಒಂದಕ್ಕೆ ಬಂದ ಭೇದಿ ಎಲ್ಲಕ್ಕೂ ಹರಡುತ್ತದೆ. 1946ರಲ್ಲಿ ಜೆಬುಲನ್ ವ್ಯಾನ್ಸ್ ಎಂಬ ಹಡಗಿನಲ್ಲಿ ಬಂದ ಕೂಸುಗಳಲ್ಲಿ ಹಲವು ಹೀಗೆ ಸೋಂಕಿನಿಂದ ಸತ್ತವು. ತಾತ ಅಜ್ಜಿಗೆ ತೋರಿಸಬೇಕೆಂದು ಎತ್ತಿಕೊಂಡು ಬಂದ ಮಗುವನ್ನು ಗುರುತು ಪರಿಚಯವಿಲ್ಲದ ನೆಲದಲ್ಲಿ ಮಣ್ಣು ಮಾಡಬೇಕಾಯಿತು. ಇದನ್ನು ಓದಿದ ಮೇಲೆ ಡಯಾಪರ್ ಜೋಕಿಗೆ ನಗು ಬರುವುದಿಲ್ಲ.

ಅರ್ಜೆಂಟೀನಾ ಫೆಬ್ರವರಿ 4ರಂದು ನ್ಯೂಯಾರ್ಕ್ ಮುಟ್ಟಿತು. ಫೋಟೋಗ್ರಾಫರುಗಳು, ಬ್ಯಾಂಡು, ಗದ್ದಲ. ನ್ಯೂಯಾರ್ಕ್ ಸುತ್ತಮುತ್ತಲಿನವರಿಗೆ ಅಲ್ಲೇ ಗಂಡ ಸಿಕ್ಕ. ಉಳಿದವರಿಗೆ ಮುಂದೆ ರೈಲು, ಕೆಲವರಿಗೆ ಮೂರು ನಾಲ್ಕು ದಿನದ ದಾರಿ. ಯೂನಿಫಾರ್ಮಿನಲ್ಲಿ ಮಾತ್ರ ನೋಡಿದ್ದ ಗಂಡನನ್ನು ಟೋಪಿ, ಕೋಟಿನಲ್ಲಿ ಥಟ್ಟನೆ ಗುರುತಿಸಲಾಗಲಿಲ್ಲ ಅಂತ ಹೇಳಿದವರು ಒಬ್ಬಿಬ್ಬರಲ್ಲ. ಇನ್ನು ಕೆಲವರ ಪಾಲಿಗೆ ಸ್ಟೇಷನ್ನಿಗೆ ಯಾರೂ ಬರಲೇ ಇಲ್ಲ. ಬರಬೇಡ ಅಂತ ನಡುದಾರಿಯಲ್ಲೇ ತಂತಿ ಬಂದವರೂ ಇದ್ದರು.

ಕೆನಡಾ ಇದನ್ನೆಲ್ಲ ಹೆಚ್ಚು ಮರ್ಯಾದೆಯಿಂದ ನಡೆಸಿತು ಅಂತ ನನಗನಿಸುತ್ತದೆ. ಅದರ ಸೈನಿಕರು 1939ರ ಕೊನೆಯಿಂದಲೇ ಬ್ರಿಟನ್ನಿನಲ್ಲಿದ್ದರು. ಆದ ಮದುವೆಗಳು ಸುಮಾರು 48,000. ಯುದ್ಧ ಇನ್ನೂ ನಡೆಯುತ್ತಿದ್ದಾಗಲೇ, 1944ರಲ್ಲಿ, ಇವರಿಗೆಂದೇ ಲಂಡನ್ನಿನಲ್ಲಿ ಕೆನೇಡಿಯನ್ ವೈವ್ಸ್ ಬ್ಯೂರೋ ತೆರೆದರು. ಹಡಗು, ರೈಲು, ಊಟ ಎಲ್ಲ ಪುಕ್ಕಟೆ. 1946ರ ಫೆಬ್ರವರಿಯಲ್ಲಿ ಮೌರೆಟೇನಿಯಾ ಹಡಗು ಲಿವರ್‌ಪೂಲ್‌ನಿಂದ ಹೊರಟು ಹ್ಯಾಲಿಫ್ಯಾಕ್ಸ್‌ನ ಪಿಯರ್ 21 ಕಟ್ಟೆಗೆ ಬಂತು. ಅಲ್ಲಿಂದ ವಿಶೇಷ ರೈಲು. ಬರೀ ಹುಲ್ಲುಗಾವಲಿನ ನಡುವಿನ ಪುಟ್ಟ ಸ್ಟೇಷನ್ನಿನಲ್ಲೂ ಒಬ್ಬಳನ್ನು ಇಳಿಸಲು ಅದು ನಿಲ್ಲುತ್ತಿತ್ತು. ಇಳಿದ ಮೇಲಿನ ಬದುಕನ್ನು ಯಾವ ಬ್ಯೂರೋನೂ ಹೇಳಿಕೊಟ್ಟಿರಲಿಲ್ಲ. ಲಂಡನ್ನಿನಲ್ಲಿ ಬೆಳೆದವಳಿಗೆ ಕರೆಂಟಿಲ್ಲದ ಮನೆ, ಹಿತ್ತಿಲಾಚೆಯ ಕಕ್ಕಸು, ಮೊಣಕಾಲುದ್ದ ಹಿಮ. ಕ್ವಿಬೆಕ್‌ಗೆ ಹೋದವರಿಗೆ ಅತ್ತೆ ಮಾತಾಡುವ ಫ್ರೆಂಚ್ ಒಂದಕ್ಷರ ತಿಳಿಯದು.

ಇಷ್ಟೆಲ್ಲ ಬಿಳಿಯ ಸೈನಿಕರನ್ನು ಮದುವೆಯಾದ ಬಿಳಿಯ ಹೆಂಡತಿಯರ ಕಥೆ. ನಿಮ್ಮ ಪ್ರಶ್ನೆಯ ಇನ್ನೊಂದು ಭಾಗ ಇಲ್ಲಿದೆ. ಹಡಗು ಬಂದ ಮೇಲೂ ಕೆಲವರಿಗೆ ಹತ್ತಲು ಬಿಡಲಿಲ್ಲ.

ಕಪ್ಪು ಅಮೆರಿಕನ್ ಸೈನಿಕರೂ ಬ್ರಿಟನ್ನಿನಲ್ಲಿ ಪ್ರೀತಿಸಿದರು, ಮದುವೆಗೆ ಅರ್ಜಿ ಹಾಕಿದರು. ಮೇಲಧಿಕಾರಿಗಳು ಸಾಮಾನ್ಯವಾಗಿ ಆಗುವುದಿಲ್ಲ ಅಂದರು. ಕಪ್ಪು ಬಿಳಿಯರ ಮದುವೆ ಆಗ ಅಮೆರಿಕದ ಅರ್ಧಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ಅಪರಾಧ. ಸುಪ್ರೀಂ ಕೋರ್ಟು ಅಂಥ ಕಾನೂನುಗಳನ್ನು ತೆಗೆದುಹಾಕಿದ್ದು 1967ರಲ್ಲಿ. ಬ್ರಿಟನ್ನಿನಲ್ಲಿ ಇಂಥ ಜೋಡಿಗಳಿಗೆ ಹುಟ್ಟಿದ ಮಕ್ಕಳು ಸುಮಾರು 2,000. ಎಷ್ಟೋ ಮಕ್ಕಳು ಅನಾಥಾಲಯದಲ್ಲಿ ಬೆಳೆದರು.

ಜರ್ಮನ್ ಹೆಣ್ಣುಮಕ್ಕಳನ್ನು ಮದುವೆಯಾಗಲು 1946ರ ಡಿಸೆಂಬರ್‌ವರೆಗೆ ಅಮೆರಿಕನ್ ಸೇನೆ ಬಿಡಲಿಲ್ಲ. ಜಪಾನಿನವರ ಪಾಡು ಇನ್ನೂ ಬಿಗಿ. ಅಮೆರಿಕದ ಪ್ರಜೆಯಾಗಲು ಜನಾಂಗದ ಕಾರಣದಿಂದ ಅರ್ಹತೆ ಇಲ್ಲದವರಿಗೆ ದೇಶದೊಳಗೇ ಪ್ರವೇಶವಿಲ್ಲ ಅನ್ನುವುದು 1924ರ ಕಾನೂನು. ವಾರ್ ಬ್ರೈಡ್ಸ್ ಆ್ಯಕ್ಟ್ ಅದನ್ನು ಮುಟ್ಟಲಿಲ್ಲ. 1947ರ ಜುಲೈನಲ್ಲಿ ಒಂದು ಕಿಂಡಿ ತೆರೆಯಿತು, ಅದು ತೆರೆದ ಮೂವತ್ತು ದಿನದೊಳಗೆ ಮದುವೆಯಾದವರಿಗೆ ಮಾತ್ರ! ಬಾಗಿಲು ಪೂರ್ತಿ ತೆರೆದದ್ದು 1952ರ ಕಾಯಿದೆಯಿಂದ. ಆಸ್ಟ್ರೇಲಿಯಾ ಕೂಡ ತನ್ನ ಸೈನಿಕರ ಜಪಾನಿ ಹೆಂಡತಿಯರನ್ನು ಒಳಗೆ ಬಿಟ್ಟದ್ದು ಅದೇ 1952ರಲ್ಲಿ.

ಭಾರತೀಯರೂ ಈ ಪಟ್ಟಿಯಲ್ಲಿದ್ದರು. ಅಮೆರಿಕನ್ ಸೈನಿಕರು ಕಲ್ಕತ್ತಾದಲ್ಲಷ್ಟೇ ಅಲ್ಲ, ನಮ್ಮ ಬೆಂಗಳೂರಿನಲ್ಲೂ ಇದ್ದರು. ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆ ಯುದ್ಧದ ಕಾಲದಲ್ಲಿ ಅಮೆರಿಕದ ವಾಯುಪಡೆಗೆ ವಿಮಾನ ರಿಪೇರಿ ಮಾಡುವ ಜಾಗವಾಗಿತ್ತು. ಅವರಲ್ಲೊಬ್ಬ ಇಲ್ಲಿಯ ಹುಡುಗಿಯನ್ನು ಮದುವೆಯಾಗಿದ್ದರೆ, ಭಾರತೀಯರೂ ಅಮೆರಿಕದ ಪ್ರಜೆಗಳಾಗಬಹುದು ಅಂದ ಲೂಸ್-ಸೆಲ್ಲರ್ ಕಾಯಿದೆ 1946ರ ಜುಲೈ 2ರಂದು ಬರುವವರೆಗೆ ಅವಳನ್ನು ಊರಿಗೆ ಕರೆದೊಯ್ಯಲು 1924ರ ಆ ಹಳೇ ಕಾನೂನೇ ಅಡ್ಡ.

ಮದುವೆ ನಿಶ್ಚಯವಾಗಿ ತಾಳಿಗೆ ಮೊದಲೇ ಹುಡುಗ ಹೊರಟುಹೋಗಿದ್ದರೆ? ಅವರಿಗೂ 1946ರ ಜೂನ್ ಕೊನೆಗೆ ಬೇರೆ ಕಾಯಿದೆ ಬಂತು. ಮೂರು ತಿಂಗಳ ಮಟ್ಟಿಗೆ ಬರಬಹುದು, ಅಷ್ಟರಲ್ಲಿ ಮದುವೆ ಆಗಬೇಕು. ಆಗದಿದ್ದರೆ ವಾಪಸ್. ಇವರಿಗೆ ಸೇನೆಯ ಪುಕ್ಕಟೆ ಹಡಗಿಲ್ಲ.

ಕಾಗದದ ಕಾಟ ಹಡಗಿಳಿದ ಮೇಲೂ ಬೆನ್ನು ಬಿಡಲಿಲ್ಲ. ಕೆನಡಾಕ್ಕೆ ಇಳಿದ ಕೂಡಲೇ ನೀವು ನಮ್ಮವರು ಅಂತ ಅಲ್ಲಿಯ ಸೈನಿಕರ ಹೆಂಡತಿಯರಿಗೆ ಹೇಳಿದ್ದರು. ಆದರೆ ಕೆನಡಾದ ಪೌರತ್ವ ಕಾಯಿದೆ ಜಾರಿಗೆ ಬಂದದ್ದು 1947ರ ಜನವರಿ 1ರಂದು. ಅದರ ಷರತ್ತುಗಳಲ್ಲಿ ಕೆಲವು ಹೆಂಡತಿಯರು, ಅವರ ಮಕ್ಕಳು ಜಾರಿಬಿದ್ದರು. ಜೀವನವಿಡೀ ಅಲ್ಲೇ ದುಡಿದು, ವೋಟು ಹಾಕಿ, ವಯಸ್ಸಾದ ಮೇಲೆ ಪಾಸ್‌ಪೋರ್ಟಿಗೆ ಅರ್ಜಿ ಹಾಕಿದಾಗ ನೀವು ಪ್ರಜೆಯೇ ಅಲ್ಲ ಅನ್ನುವ ಉತ್ತರ ಕೆಲವರಿಗೆ ಬಂತು. ಇಂಥವರನ್ನು ಲಾಸ್ಟ್ ಕೆನೇಡಿಯನ್ಸ್ ಅಂತಾರೆ. ಕಾನೂನನ್ನು 2009ರಲ್ಲಿ ಒಮ್ಮೆ, 2015ರಲ್ಲಿ ಇನ್ನೊಮ್ಮೆ ತಿದ್ದಿದರು. ಅಷ್ಟು ಹೊತ್ತಿಗೆ 1946ರಲ್ಲಿ ಬಂದ ಹೆಂಡತಿಯರಲ್ಲಿ ಬದುಕಿದ್ದವರಿಗೆ ತೊಂಬತ್ತರ ಆಸುಪಾಸು.