ಮೂರನೇ ಒಂದು ಪಾಲು ಮತದ ಗೆಲುವು: 1822ರ ಇಲಿನಾಯ್

ಚುನಾವಣಾ ಫಲಿತಾಂಶಗಳ ವಿಶ್ಲೇಷಣೆಯನ್ನು ವೃತ್ತಿಯಾಗಿಸಿಕೊಂಡವರಿಗೆ ಪದೇ ಪದೇ ಎದುರಾಗುವ ಪ್ರಶ್ನೆಯೊಂದಿದೆ: ಗೆದ್ದವರ ನಿಲುವನ್ನು ಜನರ ನಿಲುವೆಂದು ಓದಬಹುದೇ? ಇದಕ್ಕೆ ಉತ್ತರ ಹೇಳುವಾಗ ನಾನು ಸಾಮಾನ್ಯವಾಗಿ ಎತ್ತಿಕೊಳ್ಳುವುದು ಅಮೆರಿಕದ ಇಲಿನಾಯ್ ರಾಜ್ಯದಲ್ಲಿ 1822ರಲ್ಲಿ ನಡೆದ ಗವರ್ನರ್ ಚುನಾವಣೆಯನ್ನು.

1818ರಲ್ಲಿ ಒಕ್ಕೂಟವನ್ನು ಸೇರಿದ ಇಲಿನಾಯ್‌ಗೆ ಅದು ಎರಡನೆಯ ಗವರ್ನರ್ ಆಯ್ಕೆ. ಮತದಾನದ ಹಕ್ಕು 21 ವರ್ಷ ದಾಟಿದ ಬಿಳಿಯ ಪುರುಷರಿಗೆ ಮಾತ್ರ ಇತ್ತು. ಈ ಪ್ರದೇಶದಲ್ಲಿ ಗುಲಾಮಗಿರಿಯನ್ನು 1787ರ ಶಾಸನವೇ ನಿಷೇಧಿಸಿತ್ತಾದರೂ, ಕರಾರಿನ ಹೆಸರಿನಲ್ಲಿ ಕಪ್ಪು ಜನರನ್ನು ದೀರ್ಘಕಾಲ ಜೀತಕ್ಕೆ ಇಟ್ಟುಕೊಳ್ಳುವ ಪದ್ಧತಿ ನಡೆದೇ ಇತ್ತು. ಶಾನೀಟೌನ್ ಬಳಿಯ ಉಪ್ಪು ತಯಾರಿಕೆಗೆ ಹೊರಗಿನಿಂದ ಗುಲಾಮರನ್ನು ಬಾಡಿಗೆಗೆ ತರಲು ರಾಜ್ಯದ ಸಂವಿಧಾನ 1825ರವರೆಗೆ ಅವಕಾಶ ಕೊಟ್ಟಿತ್ತು.

ಕಣದಲ್ಲಿ ನಾಲ್ವರಿದ್ದರು. ಮುಖ್ಯ ನ್ಯಾಯಾಧೀಶ ಜೋಸೆಫ್ ಫಿಲಿಪ್ಸ್ ಮತ್ತು ಅದೇ ನ್ಯಾಯಾಲಯದ ಥಾಮಸ್ ಬ್ರೌನ್ ಗುಲಾಮಗಿರಿಯ ಪರವಾಗಿದ್ದರು. ಮೂರನೆಯವರು ಸೇನಾ ಹಿನ್ನೆಲೆಯ ಜೇಮ್ಸ್ ಮೂರ್. ನಾಲ್ಕನೆಯವರಾದ ಎಡ್ವರ್ಡ್ ಕೋಲ್ಸ್ ವರ್ಜೀನಿಯಾದ ಸ್ಥಿತಿವಂತ ಮನೆತನದವರು, ಅಧ್ಯಕ್ಷ ಮ್ಯಾಡಿಸನ್ ಅವರಿಗೆ ಕಾರ್ಯದರ್ಶಿಯಾಗಿದ್ದವರು. 1819ರಲ್ಲಿ ಇಲಿನಾಯ್‌ಗೆ ವಲಸೆ ಬರುವ ದಾರಿಯಲ್ಲಿ, ಪಿತ್ರಾರ್ಜಿತವಾಗಿ ಬಂದಿದ್ದ ಗುಲಾಮರಿಗೆ ಓಹಾಯೊ ನದಿಯ ಮೇಲೆ, ದೋಣಿಯಲ್ಲೇ ಬಿಡುಗಡೆ ಘೋಷಿಸಿದ್ದರು. ಫಿಲಿಪ್ಸ್ ಮತ್ತು ಬ್ರೌನ್ ನಡುವೆ ಮತಗಳು ಹಂಚಿಹೋದವು. ಒಟ್ಟು ಮತಗಳಲ್ಲಿ ಸುಮಾರು ಮೂರನೇ ಒಂದು ಪಾಲನ್ನಷ್ಟೇ ಪಡೆದ ಕೋಲ್ಸ್, ಇನ್ನೂರಕ್ಕಿಂತ ಕಡಿಮೆ ಅಂತರದಿಂದ ಗೆದ್ದರು.

ಆ ಇಬ್ಬರ ಮತಗಳನ್ನು ಕೂಡಿಸಿ, ರಾಜ್ಯದ ಬಹುಮತ ಗುಲಾಮಗಿರಿಯ ಪರವಾಗಿತ್ತು ಎಂದು ತೀರ್ಮಾನಿಸುವುದು ಸುಲಭ. ಶಾಸಕರಲ್ಲಿ ಬಹಳ ಮಂದಿ ಹಾಗೆಯೇ ಭಾವಿಸಿದ್ದರೆಂಬುದು ಅವರ ಮುಂದಿನ ನಡೆಯಿಂದ ತಿಳಿಯುತ್ತದೆ. ಗುಲಾಮಗಿರಿಯನ್ನು ಕೊನೆಗಾಣಿಸಬೇಕೆಂದು ಕೋಲ್ಸ್ ತಮ್ಮ ಮೊದಲ ಭಾಷಣದಲ್ಲೇ ಕೇಳಿದಾಗ, ಆ ಶಾಸಕರು ಅದಕ್ಕೆ ಪ್ರತಿಯಾಗಿ, ಗುಲಾಮಗಿರಿಗೆ ಅವಕಾಶವಾಗುವಂತೆ ಸಂವಿಧಾನವನ್ನೇ ಬದಲಿಸುವ ಸಭೆ ಕರೆಯಲು ಹೊರಟರು. ಅದಕ್ಕೆ ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಬೆಂಬಲ ಬೇಕಿತ್ತು. ಕೆಳಮನೆಯಲ್ಲಿ ಒಂದು ಮತ ಕಡಿಮೆ ಬಿದ್ದಾಗ, ಅಧಿವೇಶನದ ಆರಂಭದಲ್ಲಿ ಅದೇ ಸದನವು ಚುನಾಯಿತರೆಂದು ಒಪ್ಪಿಕೊಂಡಿದ್ದ ನಿಕೊಲಸ್ ಹ್ಯಾನ್ಸನ್ ಅವರನ್ನು 1823ರ ಫೆಬ್ರವರಿಯಲ್ಲಿ ಹೊರಹಾಕಿ, ಅವರ ಪ್ರತಿಸ್ಪರ್ಧಿ ಜಾನ್ ಶಾ ಅವರನ್ನು ಕೂರಿಸಿ ನಿರ್ಣಯವನ್ನು ಅಂಗೀಕರಿಸಲಾಯಿತು. ಸದಸ್ಯತ್ವದ ತಕರಾರನ್ನು ಸದನವೇ ತೀರ್ಮಾನಿಸುವ ವ್ಯವಸ್ಥೆ ಎಷ್ಟು ಅಪಾಯಕಾರಿ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ನನಗೆ ತಿಳಿದಿಲ್ಲ.

ಸಭೆ ಬೇಕೇ ಬೇಡವೇ ಎಂಬುದನ್ನು ಅಂತಿಮವಾಗಿ ಮತದಾರರೇ ಹೇಳಬೇಕಿತ್ತು. ಸುಮಾರು ಹದಿನೆಂಟು ತಿಂಗಳು ಪ್ರಚಾರ ನಡೆಯಿತು. ಕೋಲ್ಸ್ ತಮ್ಮ ಸಂಬಳವನ್ನು ಅದಕ್ಕೇ ವಿನಿಯೋಗಿಸಿದರು. ಇಂಗ್ಲೆಂಡಿನಿಂದ ಬಂದು ನೆಲೆಸಿದ್ದ ಮಾರಿಸ್ ಬರ್ಕ್‌ಬೆಕ್ ಗುಪ್ತನಾಮದಲ್ಲಿ ಪತ್ರಿಕೆಗೆ ಬರೆದರು. 1824ರ ಆಗಸ್ಟ್ 2ರಂದು ಸಭೆಯ ಪರವಾಗಿ 4,972, ವಿರುದ್ಧವಾಗಿ 6,640 ಮತಗಳು ಬಿದ್ದವು.

ಎರಡೇ ವರ್ಷಗಳಲ್ಲಿ ಜನರ ಮನಸ್ಸು ಪೂರ್ತಿ ಬದಲಾಯಿತೆಂದು ನಾನು ಹೇಳಲಾರೆ. ಪ್ರಚಾರದಿಂದ ಕೆಲವರು ಬದಲಾಗಿರಬಹುದು, ಹೊಸ ಮತದಾರರೂ ಬಂದಿದ್ದರು. ಆದರೆ ಅಭ್ಯರ್ಥಿಗೆ ಬಿದ್ದ ಮತದಲ್ಲಿ ಪರಿಚಯ, ಪ್ರದೇಶ, ಬಣ ಎಲ್ಲವೂ ಬೆರೆತಿರುತ್ತವೆ. ಒಂದೇ ಪ್ರಶ್ನೆಯನ್ನು ಬಿಡಿಯಾಗಿ ಮುಂದಿಟ್ಟಾಗ ಬರುವ ಉತ್ತರವೇ ಬೇರೆ. ಆ ಉತ್ತರಕ್ಕೂ ಮಿತಿಯಿತ್ತು. ‘ಬೇಡ’ ಎಂದವರಲ್ಲಿ ಅನೇಕರಿಗೆ ಗುಲಾಮರ ಜೊತೆಗೆ ಸ್ವತಂತ್ರ ಕಪ್ಪು ಜನರೂ ತಮ್ಮ ನೆರೆಯಲ್ಲಿ ಬೇಡವಾಗಿದ್ದರು, ಮತ್ತು ಆ ಸ್ವತಂತ್ರ ಕಪ್ಪು ಜನರ ಬದುಕನ್ನು ಕಟ್ಟಿಹಾಕಿದ್ದ, ‘ಬ್ಲ್ಯಾಕ್ ಲಾಸ್’ ಎಂದು ಕರೆಯಲಾಗುವ ಇಲಿನಾಯ್‌ನ ಕಾನೂನುಗಳು 1865ರವರೆಗೂ ಜಾರಿಯಲ್ಲಿದ್ದವು.