ಕೂಲ್‌ಡೌನ್ ಅರ್ಧ ಮಾಡಿದರೆ ಆಟ ಎಷ್ಟು ಬದಲಾಗುತ್ತದೆ?

ಕಲಬುರಗಿಯ ಬೇಸಿಗೆಯಲ್ಲಿ ಕರೆಂಟು ಹೋಗಿ ಬಂದ ಕೂಡಲೇ ಎ.ಸಿ. ಚಾಲೂ ಆಗುವುದಿಲ್ಲ. ಗೋಡೆಯ ಮೇಲಿನ ಸ್ಟೆಬಿಲೈಜರ್‌ನ ಸಣ್ಣ ದೀಪ ಮಿನುಗುತ್ತ ಸುಮಾರು ಮೂರು ನಿಮಿಷ ಕಾಯಿಸುತ್ತದೆ. ಕಂಪ್ರೆಸರ್‌ನ ಎರಡೂ ಬದಿಯ ಅನಿಲದ ಒತ್ತಡ ಸಮನಾಗುವ ಮೊದಲೇ ಮೋಟರ್ ತಿರುಗಲು ಹೊರಟರೆ, ಅದು ಆ ಒತ್ತಡವನ್ನು ಮೀರಲಾರದೆ ವಿಪರೀತ ವಿದ್ಯುತ್ ಎಳೆದು ಸುಟ್ಟುಹೋಗುವ ಅಪಾಯವಿರುತ್ತದೆ. ಮೇ ತಿಂಗಳ ಒಂದು ಮಧ್ಯಾಹ್ನ ನಮ್ಮ ಮನೆಯ ನಡುಕೋಣೆಯಲ್ಲಿ ಅಕ್ಕನ ಮಗ ಮತ್ತು ಅವನ ಮೂವರು ಗೆಳೆಯರು ಕಂಪ್ಯೂಟರ್‌ಗಳನ್ನು ಮತ್ತೆ ಚಾಲೂ ಮಾಡುತ್ತ ಕೂತಿದ್ದಾಗ, ಅವರಲ್ಲೊಬ್ಬ ಆ ದೀಪದ ಕಡೆ ಕೈ ಮಾಡಿ, "ಎ.ಸಿ. ಇನ್ನಾ ಕೂಲ್‌ಡೌನ್‌ನ್ಯಾಗ ಅದರಿ" ಎಂದ. ಅವನು ಆ ಪದವನ್ನು ತಂದದ್ದು ಆಟದಿಂದ, ಆದರೆ ಬಳಸಿದ ಜಾಗ ಪೂರ್ತಿ ಸರಿಯಾಗಿತ್ತು.

ಅವರು ಆಡುತ್ತಿದ್ದದ್ದು ಓವರ್‌ವಾಚ್ 2. 2016ರಲ್ಲಿ ಬಂದ ಓವರ್‌ವಾಚ್‌ನ ಮುಂದುವರಿಕೆಯಾಗಿ 2022ರಲ್ಲಿ ಬಂದ ಈ ಆಟ ಹೀರೋ ಶೂಟರ್ ಎಂಬ ಜಾತಿಗೆ ಸೇರಿದ್ದು. ಇಲ್ಲಿ ಎಲ್ಲರ ಕೈಯಲ್ಲೂ ಒಂದೇ ಬಂದೂಕು ಇರುವುದಿಲ್ಲ. ಒಬ್ಬೊಬ್ಬ ಹೀರೋಗೂ ತನ್ನದೇ ವಿದ್ಯೆಗಳಿರುತ್ತವೆ. ಒಬ್ಬಳು ಕಣ್ಣು ಮಿಟುಕಿಸುವಷ್ಟರಲ್ಲಿ ಪಕ್ಕಕ್ಕೆ ಜಿಗಿಯುತ್ತಾಳೆ, ಇನ್ನೊಬ್ಬಳು ಎದುರಾಳಿಯನ್ನು ನಿದ್ದೆಗೆ ಕೆಡಹುತ್ತಾಳೆ. ಹೈದರಾಬಾದಿನಲ್ಲಿ ಹುಟ್ಟಿದವಳೆಂದು ಆಟದ ಕಥೆ ಹೇಳುವ ಸಿಮೆಟ್ರಾ ನಮ್ಮ ಹುಡುಗರ ಪಾಲಿಗೆ ಪಕ್ಕದೂರಿನವಳೇ ಆಗಿದ್ದಾಳೆ. ಒಂದು ವಿದ್ಯೆಯನ್ನು ಒಮ್ಮೆ ಬಳಸಿದ ಮೇಲೆ ಮತ್ತೆ ಅದು ಕೈಗೆ ಸಿಗುವ ತನಕ ಕಾಯಬೇಕಾದ ಸಮಯಕ್ಕೆ ಕೂಲ್‌ಡೌನ್ ಎನ್ನುತ್ತಾರೆ. ಕಲಬುರಗಿ ಕೋಟೆಯ 29 ಅಡಿ ಉದ್ದದ ಬಾರಾ ಗಜಿ ತೋಪಿನಂಥ ತೋಪುಗಳ ಕಾಲದಲ್ಲೂ ಇಂಥ ಕಾಯುವಿಕೆ ಇತ್ತು. ಒಂದು ಗುಂಡು ಹಾರಿಸಿದ ಮೇಲೆ ನಳಿಕೆಯೊಳಗೆ ಉಳಿದ ಕೆಂಡದ ಕಣಗಳನ್ನು ಒದ್ದೆ ಮಾಡಿ ಆರಿಸದೆ ಹೊಸ ಮದ್ದು ತುಂಬಿದರೆ ತುಂಬುವವನ ಪ್ರಾಣಕ್ಕೇ ಸಂಚಕಾರ. ಆಟದಲ್ಲಿ ಅಂಥ ಭೌತಿಕ ಕಾರಣ ಯಾವುದೂ ಇಲ್ಲ. ಅಲ್ಲಿನ ಕಾಯುವಿಕೆ ಬರೀ ಒಂದು ಅಂಕಿ, ಮತ್ತು ನಮ್ಮದೇ ಕಸ್ಟಮ್ ಮ್ಯಾಚ್ ತೆರೆದರೆ ಆ ಅಂಕಿಯನ್ನು ಬದಲಿಸುವ ಅಧಿಕಾರ ನಮ್ಮ ಕೈಗೇ ಬರುತ್ತದೆ. ಪ್ರತಿ ಹೀರೋವಿನ ಪ್ರತಿ ವಿದ್ಯೆಗೂ ಕೂಲ್‌ಡೌನನ್ನು ಶೇ. 0ರಿಂದ ಶೇ. 500ರವರೆಗೆ ಎಲ್ಲಿ ಬೇಕಾದರೂ ಇಡಬಹುದು.

ಹುಡುಗರು ಮೊದಲು ಇಟ್ಟದ್ದು ಶೇ. 50. ಕಾಯುವ ಸಮಯ ಅರ್ಧ, ಆದ್ದರಿಂದ ಆಟ ಎರಡು ಪಟ್ಟು ಚುರುಕು ಎಂಬುದು ಅವರ ಲೆಕ್ಕ. ಈ ಲೆಕ್ಕದಲ್ಲಿ ಒಂದು ಕೊರತೆಯಿದೆ ಎಂದು ತೋರಿಸಲು ನಾನು ನೋಟುಬುಕ್ಕು ಹಿಡಿದು ಅವರ ಪಕ್ಕ ಕೂತೆ.

ಒಂದು ವಿದ್ಯೆ 2 ಸೆಕೆಂಡು ಕೆಲಸ ಮಾಡುತ್ತದೆ, ಮುಗಿದ ಮೇಲೆ 10 ಸೆಕೆಂಡು ಕಾಯಿಸುತ್ತದೆ ಎಂದುಕೊಳ್ಳೋಣ. ಒಂದು ಸುತ್ತು 12 ಸೆಕೆಂಡು. ಅದರಲ್ಲಿ ವಿದ್ಯೆ ಜಾರಿಯಲ್ಲಿರುವುದು 2 ಸೆಕೆಂಡು, ಅಂದರೆ ಒಟ್ಟು ಸಮಯದ ಶೇ. 17. ಕೂಲ್‌ಡೌನ್ ಅರ್ಧವಾದರೆ ಸುತ್ತು 7 ಸೆಕೆಂಡಿಗೆ ಇಳಿದು ಪಾಲು ಶೇ. 29ಕ್ಕೆ ಏರುತ್ತದೆ. ಇದು ಎರಡು ಪಟ್ಟಿಗಿಂತ ಕಡಿಮೆಯೇ. ಶೇ. 25ಕ್ಕೆ ಇಳಿಸಿದಾಗ ಪಾಲು ಶೇ. 44, ಶೇ. 10ಕ್ಕೆ ಇಳಿಸಿದಾಗ ಶೇ. 67, ಸೊನ್ನೆಗೆ ಇಳಿಸಿದಾಗ ಪೂರ್ತಿ ನೂರು. ಇನ್ನೊಂದು ಕಡೆ ಶೇ. 200ಕ್ಕೆ ಏರಿಸಿದರೆ ಪಾಲು ಶೇ. 9ಕ್ಕೆ ಇಳಿಯುತ್ತದೆ, ಗರಿಷ್ಠ ಶೇ. 500ಕ್ಕೆ ಹೋದರೂ ಅದು ಸುಮಾರು ಶೇ. 4ರಲ್ಲಿ ನಿಲ್ಲುತ್ತದೆ. 200ರಿಂದ 500ರವರೆಗಿನ ಮುನ್ನೂರು ಅಂಕಗಳ ದೂರದಲ್ಲಿ ಆದ ಬದಲಾವಣೆ ಬರೀ ಐದು. ಅದೇ 25ರಿಂದ 10ರವರೆಗಿನ ಹದಿನೈದು ಅಂಕಗಳಲ್ಲಿ ಇಪ್ಪತ್ತೆರಡಕ್ಕೂ ಹೆಚ್ಚು. ಪರದೆಯ ಮೇಲೆ ಈ ಅಂಕಿಯನ್ನು ಎಳೆದು ಬದಲಿಸುವ ಸ್ಲೈಡರ್ ನೇರವಾದ ಪಟ್ಟಿಯಂತೆ ಕಂಡರೂ ಅದರ ಪರಿಣಾಮ ಹಾಗಿಲ್ಲ. ಎಡಗಡೆಗೆ ಹೋದಷ್ಟೂ ಒಂದೊಂದು ಅಂಕದ ತೂಕ ಹೆಚ್ಚುತ್ತದೆ.

ಆಟ ಕಟ್ಟುವವರಿಗೂ ಈ ವಕ್ರರೇಖೆ ತಲೆನೋವಾಗಿದ್ದುಂಟು. ಲೀಗ್ ಆಫ್ ಲೆಜೆಂಡ್ಸ್ ಎಂಬ ಇನ್ನೊಂದು ಜಾತಿಯ ಆಟದಲ್ಲಿ ಕೂಲ್‌ಡೌನನ್ನು ಶೇಕಡಾವಾರು ಕಡಿತ ಮಾಡುವ ಪದ್ಧತಿ ಇತ್ತು, ಮತ್ತು ಅದಕ್ಕೆ ಸಾಮಾನ್ಯವಾಗಿ ಶೇ. 40ರ ಮಿತಿ ಹಾಕಿದ್ದರು. 2020ರ ಕೊನೆಯಲ್ಲಿ ಅದನ್ನು ಕೈಬಿಟ್ಟು ಅಬಿಲಿಟಿ ಹೇಸ್ಟ್ ಎಂಬ ಬೇರೆ ಅಳತೆ ತಂದರು. ಅದರ ಸೂತ್ರದಲ್ಲಿ ಮೂಲ ಕೂಲ್‌ಡೌನನ್ನು 100ರಿಂದ ಗುಣಿಸಿ, ನೂರಕ್ಕೆ ಹೇಸ್ಟ್ ಕೂಡಿಸಿದ ಮೊತ್ತದಿಂದ ಭಾಗಿಸುತ್ತಾರೆ. ಹೇಸ್ಟ್ 100 ಆದರೆ ಅದೇ ಅವಧಿಯಲ್ಲಿ ವಿದ್ಯೆಯನ್ನು ಎರಡು ಪಟ್ಟು ಸಲ ಬಳಸಬಹುದು, 200 ಆದರೆ ಮೂರು ಪಟ್ಟು. ಪ್ರತಿ ಅಂಕಕ್ಕೂ ಒಂದೇ ತೂಕ. ಓವರ್‌ವಾಚ್‌ನ ಸ್ಲೈಡರನ್ನೂ ಮನಸ್ಸಿನಲ್ಲೇ ಈ ಭಾಷೆಗೆ ತಿರುಗಿಸಿಕೊಂಡು ಓದುವುದು ಒಳ್ಳೆಯದೆಂದು ನನಗನ್ನಿಸುತ್ತದೆ.

ಲೆಕ್ಕಕ್ಕಿಂತ ಹೆಚ್ಚು ಕಲಿಸಿದ್ದು ಓವರ್‌ವಾಚ್‌ನ ಟ್ರೇಸರ್ ಎಂಬ ಹೀರೋ. ಅವಳ ರಿಕಾಲ್ ವಿದ್ಯೆ ಅವಳನ್ನು ಮೂರು ಸೆಕೆಂಡು ಹಿಂದಕ್ಕೆ ಒಯ್ಯುತ್ತದೆ. ಆಗ ನಿಂತಿದ್ದ ಜಾಗ ಮರಳಿ ಸಿಗುತ್ತದೆ, ನಡುವೆ ಕಳೆದುಕೊಂಡ ಪ್ರಾಣಬಲವೂ ಮರಳುತ್ತದೆ. ಆಟ ಬಂದ ಕಾಲದ ಅಂಕಿಯ ಪ್ರಕಾರ ಇದರ ಕೂಲ್‌ಡೌನ್ 12 ಸೆಕೆಂಡು. ಹುಡುಗರು ಅದನ್ನು ಶೇ. 25ಕ್ಕೆ ಇಳಿಸಿದರು, ಅಂದರೆ 3 ಸೆಕೆಂಡು. ಕಾಯುವ ಸಮಯ ಮತ್ತು ಹಿಂದಕ್ಕೆ ಹೋಗುವ ಸಮಯ ಒಂದೇ ಆಯಿತು. ನಾಲ್ಕು ನಿಮಿಷ ಅವಳ ಮೇಲೆ ಗುಂಡು ಸುರಿದವನು ಮೌಸ್ ಬಿಟ್ಟು, "ಈಕಿ ಸಾಯಂಗೇ ಇಲ್ಲಲ್ರಿ!" ಎಂದು ಕೂಗಿದ. ವಿದ್ಯೆ ಸಿಕ್ಕ ಕ್ಷಣವೇ ಮತ್ತೆ ಬಳಸಿದರೆ ಅವಳು ಮರಳುವುದು ಹಿಂದಿನ ರಿಕಾಲ್ ಮುಗಿದ ಕ್ಷಣದ ಸ್ಥಿತಿಗೆ. ಆದ್ದರಿಂದ ಆ ಮೂರು ಸೆಕೆಂಡಿನೊಳಗೆ ಅವಳ ಪ್ರಾಣಬಲವನ್ನೆಲ್ಲ ಮುಗಿಸದ ಹೊರತು ಬಿದ್ದ ಪೆಟ್ಟುಗಳಷ್ಟೂ ಅಳಿಸಿಹೋಗುತ್ತವೆ. ಆದರೆ ಟ್ರೇಸರ್ ಆಡುತ್ತಿದ್ದ ಹುಡುಗನ ಮುಖದಲ್ಲೂ ಸಂತೋಷವಿರಲಿಲ್ಲ. ಪ್ರತಿ ಸಲವೂ ಅವನು ಅದೇ ಕಂಬದ ಹಿಂದೆ ಬಂದು ನಿಲ್ಲುತ್ತಿದ್ದ. ಸಾವೂ ಇಲ್ಲ, ಮುಂದಕ್ಕೆ ಒಂದು ಹೆಜ್ಜೆಯೂ ಇಲ್ಲ. ಶೇ. 30 ಇಟ್ಟಾಗ ಈ ಗಂಟು ಸಡಿಲವಾಯಿತು: ಪ್ರತಿ ಸುತ್ತಿನಲ್ಲೂ 0.6 ಸೆಕೆಂಡಿನಷ್ಟು ಬಿಡುವು ಸಿಕ್ಕಿ, ಅವಳು ಸ್ವಲ್ಪ ಸ್ವಲ್ಪವೇ ಮುಂದೆ ಸರಿಯತೊಡಗಿದಳು, ಮತ್ತು ಆ ಬಿಡುವಿನಲ್ಲಿ ಬಿದ್ದ ಪೆಟ್ಟು ಅಳಿಯದೆ ಉಳಿಯತೊಡಗಿತು. ನೀರು ಮಂಜುಗಡ್ಡೆಯಾಗುವ ಉಷ್ಣತೆಯಂತೆ ಕೂಲ್‌ಡೌನಿಗೂ ಇಂಥ ಸಂಧಿಬಿಂದುಗಳಿವೆ. ವಿದ್ಯೆಯ ಪರಿಣಾಮ ಇರುವಷ್ಟೇ ಹೊತ್ತಿಗೆ ಕಾಯುವಿಕೆಯೂ ಇಳಿದಾಗ ಆಟದ ಸ್ವಭಾವವೇ ಬೇರೆಯಾಗುತ್ತದೆ. ಎದುರಾಳಿಯನ್ನು ನಿದ್ದೆಗೆಡಹುವ ವಿದ್ಯೆಯಲ್ಲೂ ಹೀಗೆಯೇ: ನಿದ್ದೆಗಿಂತ ಕೂಲ್‌ಡೌನ್ ಚಿಕ್ಕದಾದರೆ, ಗುರಿ ತಪ್ಪದ ಕೈಯಲ್ಲಿ ಅದು ಮುಗಿಯದ ನಿದ್ದೆಯಾಗುತ್ತದೆ.

ಇನ್ನೊಂದು ಸಂಧಿಬಿಂದು ಆಟದೊಳಗಿಲ್ಲ, ಆಡುವವರ ತಲೆಯೊಳಗಿದೆ. ಒಂದು ನರಕೋಶ ಒಮ್ಮೆ ಸಂಕೇತ ಕಳಿಸಿದ ಮೇಲೆ ಒಂದೆರಡು ಮಿಲಿಸೆಕೆಂಡು ಎಷ್ಟೇ ಪ್ರಚೋದಿಸಿದರೂ ಮತ್ತೆ ಸಂಕೇತ ಕೊಡುವುದಿಲ್ಲ; ಅದು ನರದ ಕೂಲ್‌ಡೌನ್. ಇದೇ ಬಗೆಯ ಬಿಡುವು ಮನಸ್ಸಿಗೂ ಇದೆಯೆಂದು ಟೆಲ್‌ಫರ್ಡ್ ಎಂಬ ಮನೋವಿಜ್ಞಾನಿ 1931ರಲ್ಲಿ ಪ್ರಯೋಗದಿಂದ ತೋರಿಸಿದರು. ಒಂದು ಸೂಚನೆಗೆ ಪ್ರತಿಕ್ರಿಯಿಸುತ್ತಿರುವಾಗಲೇ, ಸುಮಾರು ಕಾಲು ಸೆಕೆಂಡಿನೊಳಗೆ ಎರಡನೆಯ ಸೂಚನೆ ಬಂದರೆ, ಆ ಎರಡನೆಯದಕ್ಕೆ ನಮ್ಮ ಪ್ರತಿಕ್ರಿಯೆ ತಡವಾಗುತ್ತದೆ. ಈಗ ಆಟಕ್ಕೆ ಬರೋಣ. ಎದುರು ತಂಡದಲ್ಲಿ ಐವರು, ಒಬ್ಬೊಬ್ಬರಿಗೆ ತಲಾ 10 ಸೆಕೆಂಡು ಕೂಲ್‌ಡೌನಿನ ಎರಡು ವಿದ್ಯೆಗಳು ಎಂದಿಟ್ಟುಕೊಂಡರೆ, ಸರಾಸರಿ ಸೆಕೆಂಡಿಗೊಂದು ವಿದ್ಯೆ ನಮ್ಮ ಮೇಲೆ ಬರುತ್ತದೆ. ಇದನ್ನು ಮನುಷ್ಯ ನಿಭಾಯಿಸಬಲ್ಲ. ಶೇ. 25ಕ್ಕೆ ಇಳಿಸಿದರೆ ಕಾಲು ಸೆಕೆಂಡಿಗೊಂದು ಬರುತ್ತದೆ, ಮತ್ತು ಮನಸ್ಸಿನ ಆ ಬಿಡುವಿನ ಗಡಿ ಹೆಚ್ಚುಕಡಿಮೆ ಅಲ್ಲೇ ಇದೆ. ಅದಕ್ಕಿಂತ ಕೆಳಗೆ ಹೋದಾಗ ಒಂದು ಏಟಿಗೆ ಉತ್ತರ ಯೋಚಿಸುವಷ್ಟರಲ್ಲಿ ಮತ್ತೊಂದು ಬಂದಿರುತ್ತದೆ. ಸಾಲದ್ದಕ್ಕೆ, ಆಯ್ಕೆಗಳು ಇಮ್ಮಡಿಯಾದಂತೆಲ್ಲ ನಿರ್ಧಾರಕ್ಕೆ ಬೇಕಾಗುವ ಸಮಯ ಒಂದೊಂದು ಮೆಟ್ಟಿಲಿನಷ್ಟು ಏರುತ್ತದೆ ಎಂದು ಬ್ರಿಟನ್ನಿನ ಹಿಕ್ 1952ರಲ್ಲಿ ಕಂಡುಕೊಂಡಿದ್ದರು. ಎಲ್ಲ ವಿದ್ಯೆಗಳೂ ಸದಾ ಸಿದ್ಧವಾಗಿರುವ ಆಟಗಾರನಿಗೆ ಯಾವುದನ್ನು ಒತ್ತಬೇಕೆಂಬುದೇ ತಡವಾಗುತ್ತದೆ. ಕೂಲ್‌ಡೌನ್ ಎಂದರೆ ಎದುರಾಳಿಗೆ ಯೋಚಿಸಲು ಕೊಟ್ಟ ಸಮಯ ಎಂದು ನಾನು ನಂಬುವುದು ಈ ಕಾರಣಕ್ಕೆ.

ದೂರವೂ ತನ್ನ ಪಾಲು ಕೇಳುತ್ತದೆ. ಆಟ ನಡೆಸುವ ಸರ್ವರ್ ಕಂಪ್ಯೂಟರ್ ಸಿಂಗಾಪುರದಲ್ಲಿದ್ದರೆ ಕಲಬುರಗಿಯಿಂದ ಅದು ಮೂರು ಸಾವಿರಕ್ಕೂ ಹೆಚ್ಚು ಕಿಲೋಮೀಟರ್. ಗಾಜಿನ ತಂತುವಿನಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್ ಓಡುವುದರಿಂದ, ನೇರ ದಾರಿಯಿದ್ದರೂ ಹೋಗಿ ಬರಲು 30 ಮಿಲಿಸೆಕೆಂಡಿಗೆ ಕಡಿಮೆಯಾಗದು. ನಿಜದಲ್ಲಿ ಅದಕ್ಕಿಂತ ಹೆಚ್ಚೇ ಆಗುತ್ತದೆ. ಈ ಹೋಗಿ ಬರುವ ಸಮಯ, ಅಂದರೆ ಪಿಂಗ್, 90 ಮಿಲಿಸೆಕೆಂಡು ಇದ್ದಾಗ 12 ಸೆಕೆಂಡಿನ ಕೂಲ್‌ಡೌನಿನಲ್ಲಿ ಅದು ಶೇ. 1ಕ್ಕಿಂತ ಕಡಿಮೆ, ಯಾರಿಗೂ ತಿಳಿಯದು. ಅರ್ಧ ಸೆಕೆಂಡಿನ ಕೂಲ್‌ಡೌನಿನಲ್ಲಿ ಅದೇ 90 ಶೇ. 18 ಆಗುತ್ತದೆ, ಎದುರಾಳಿಯ ನಡೆ ಕಾಣುವ ಹೊತ್ತಿಗೆ ಅವನ ಮುಂದಿನ ನಡೆಯ ತಯಾರಿ ಆಗಲೇ ಶುರುವಾಗಿರುತ್ತದೆ.

ಮರುದಿನದಿಂದ ಹುಡುಗರು ಸ್ಲೈಡರನ್ನು ಸಮಾನ ಅಂತರದಲ್ಲಿ ಎಳೆಯುವುದನ್ನು ಬಿಟ್ಟು 100, 70, 50, 35, 25 ಎಂದು ಗುಣಾಕಾರದ ಮೆಟ್ಟಿಲುಗಳಲ್ಲಿ ಇಳಿಸತೊಡಗಿದರು, ಒಂದು ಸಲಕ್ಕೆ ಒಂದೇ ವಿದ್ಯೆ. ಕೂಲ್‌ಡೌನ್ ಇಳಿಸಿದಾಗ ಪ್ರಾಣಬಲವನ್ನೂ ಏರಿಸಿದರು. ಓವರ್‌ವಾಚ್‌ನದೇ ಟೋಟಲ್ ಮೇಹೆಮ್ ಎಂಬ ಬಗೆಯಲ್ಲಿ ಈ ಎರಡೂ ಜೊತೆಯಾಗಿಯೇ ಬರುತ್ತವೆ. ನನಗೆ ಹೆಚ್ಚು ಹಿಡಿಸಿದ್ದು ಮಾತ್ರ ಅವರು ಬೇಸರದಿಂದ ಶೇ. 200 ಇಟ್ಟು ಆಡಿದ ಒಂದು ಪಂದ್ಯ. ಅಷ್ಟು ಹೊತ್ತು ಕೀಲಿಮಣೆಯ ಸದ್ದಷ್ಟೇ ಇದ್ದ ಕೋಣೆಯಲ್ಲಿ ಮಾತು ಶುರುವಾಯಿತು. "ನಂದು ಮುಗದದ, ನಿಂದು ಇಟ್ಕೊ, ಈಗೇ ಒತ್ತಬ್ಯಾಡ" ಎಂದು ಒಬ್ಬ ಇನ್ನೊಬ್ಬನಿಗೆ ಹೇಳುತ್ತಿದ್ದ. ಯಾರ ಯಾವ ವಿದ್ಯೆ ಎಷ್ಟು ಸೆಕೆಂಡಿಗೆ ಮರಳುತ್ತದೆಂದು ನಾಲ್ವರೂ ಗಟ್ಟಿಯಾಗಿ ಎಣಿಸುತ್ತಿದ್ದರು.